ಜಾಕಿ ರಾಬಿನ್ಸನ್: ಆಟಕ್ಕುಂಟು, ಲೆಕ್ಕಕ್ಕಿಲ್ಲ

ನಮ್ಮ ಬೀದಿಗಳಲ್ಲಿ ಮಕ್ಕಳು ಆಟವಾಡುವಾಗ ತೀರ ಚಿಕ್ಕವನೊಬ್ಬನು ತಾನೂ ಸೇರುತ್ತೇನೆಂದು ಹಟ ಹಿಡಿದರೆ, ಉಳಿದವರು ಅವನನ್ನು ಆಟಕ್ಕುಂಟು, ಲೆಕ್ಕಕ್ಕಿಲ್ಲ ಎಂದು ಸೇರಿಸಿಕೊಳ್ಳುವುದುಂಟು. ಅವನು ಎಷ್ಟು ಬೇಕಾದರೂ ಓಡಬಹುದು. ಸಿಕ್ಕಿಬಿದ್ದರೆ ಸೋಲಲ್ಲ, ಮುಟ್ಟಿದರೆ ಗೆಲುವಲ್ಲ. ಅಮೆರಿಕದ ಜನರು ತಮ್ಮ ರಾಷ್ಟ್ರೀಯ ಕ್ರೀಡೆಯೆಂದು ಭಾವಿಸುವ ಬೇಸ್‌ಬಾಲ್‌ನಲ್ಲಿ ಪ್ರತಿ ವರ್ಷವೂ ಹೀಗೆ ಲೆಕ್ಕಕ್ಕಿಲ್ಲದ ಆಟಗಳು ವಾರಗಟ್ಟಲೆ ನಡೆಯುತ್ತವೆ. ಆ ಆಟಗಳ ಬಾಗಿಲಿನಿಂದಲೇ ಒಳಹೊಕ್ಕು, ಒಂದು ಜನಾಂಗಕ್ಕೆ ದಾರಿ ಮಾಡಿಕೊಟ್ಟ ಮಹನೀಯನೊಬ್ಬನ ಚರಿತ್ರೆಯನ್ನು ಈ ಕಿರುಲೇಖನದಲ್ಲಿ ಹೇಳಲು ಯತ್ನಿಸುತ್ತೇನೆ. ಅವನ ಹೆಸರು ಜಾಕಿ ರಾಬಿನ್ಸನ್.

ಬೇಸ್‌ಬಾಲ್ ನಮ್ಮಲ್ಲಿ ಬಳಕೆಯಲ್ಲಿಲ್ಲದ ಆಟವಾದುದರಿಂದ ಎರಡು ಮಾತು ಮೊದಲೇ ಹೇಳುವುದು ಅವಶ್ಯಕ. ಉರುಟಾದ ದಾಂಡಿನಿಂದ ಚೆಂಡನ್ನು ಹೊಡೆದು, ಚೌಕದ ನಾಲ್ಕು ಮೂಲೆಗಳಲ್ಲಿರುವ ನೆಲೆಗಳನ್ನು ಸುತ್ತಿಬಂದರೆ ಒಂದು ಓಟ. ಉತ್ತರದ ನಗರಗಳಲ್ಲಿ ಫೆಬ್ರವರಿ ಮಾರ್ಚ್ ತಿಂಗಳುಗಳು ಕೊರೆಯುವ ಚಳಿಯ ಕಾಲ. ಆದುದರಿಂದ ತಂಡಗಳು ಬೆಚ್ಚನೆಯ ದಕ್ಷಿಣಕ್ಕೆ, ಮುಖ್ಯವಾಗಿ ಫ್ಲೋರಿಡಾ ಮತ್ತು ಅರಿಜೋನಾ ಸಂಸ್ಥಾನಗಳಿಗೆ ಹೋಗಿ ಬೀಡುಬಿಡುತ್ತವೆ. ಇದಕ್ಕೆ ವಸಂತದ ತಾಲೀಮು ಎಂದು ಹೆಸರು. ಕೆಲವು ದಿನಗಳ ಅಭ್ಯಾಸವಾದ ಮೇಲೆ ತಂಡಗಳು ತಮ್ಮತಮ್ಮೊಳಗೆ ಪ್ರದರ್ಶನದ ಆಟಗಳನ್ನು ಆಡುತ್ತವೆ. ಈ ಆಟಗಳ ಸೋಲು ಗೆಲುವು ಯಾವ ಪಟ್ಟಿಗೂ ಸೇರುವುದಿಲ್ಲ. ವಸಂತದಲ್ಲಿ ಎಲ್ಲ ಆಟಗಳನ್ನೂ ಗೆದ್ದ ತಂಡವೂ ಎಲ್ಲವನ್ನೂ ಸೋತ ತಂಡವೂ ನಿಜವಾದ ಋತುವಿನ ಮೊದಲ ದಿನ ಒಂದೇ ಸೊನ್ನೆಯಿಂದ ಹೊರಡುತ್ತವೆ. ಈಗ 30 ತಂಡಗಳಿದ್ದು, ಮಾರ್ಚ್ ಕೊನೆಯಲ್ಲಿ ಆರಂಭಿಸಿ ಒಂದೊಂದು ತಂಡವೂ 162 ಆಟಗಳನ್ನು ಆಡುತ್ತದೆ. 1947ರಲ್ಲಿ 16 ತಂಡಗಳಿದ್ದವು. ಏಪ್ರಿಲ್ ಮಧ್ಯದಿಂದ 154 ಆಟಗಳು.

ಹಾಗಾದರೆ ವಸಂತದ ಆಟಗಳಿಂದ ಪ್ರಯೋಜನವೇನು? ಋತುವಿನ ಮೊದಲ ದಿನ ಯಾರು ತಂಡದಲ್ಲಿ ಉಳಿಯುವರು, ಯಾರು ಕೆಳಗಿನ ಲೀಗಿಗೆ ಹೋಗುವರು ಎಂಬುದು ತೀರ್ಮಾನವಾಗುವುದು ಅಲ್ಲಿಯೇ. ಆಟದ ಲೆಕ್ಕ ಇಡುವವರಿಲ್ಲ. ಆಟಗಾರನ ಲೆಕ್ಕ ಮಾತ್ರ ದಿನವೂ ನಡೆದಿರುತ್ತದೆ. ರಾಬಿನ್ಸನ್ನನ ವಿಷಯದಲ್ಲಿ ಈ ಲೆಕ್ಕ ಎಷ್ಟು ಕ್ರೂರವಾಗಿತ್ತೆಂಬುದನ್ನು ಮುಂದೆ ನೋಡೋಣ.

ರಾಬಿನ್ಸನ್ 1919ರ ಜನವರಿ 31ರಂದು ಜಾರ್ಜಿಯಾ ಸಂಸ್ಥಾನದ ಕೈರೋ ಎಂಬ ಊರಿನಲ್ಲಿ, ಪರರ ಹೊಲವನ್ನು ಪಾಲಿಗೆ ಉಳುವ ಕರಿಯರ ಮನೆಯಲ್ಲಿ ಹುಟ್ಟಿದನು. ಐವರು ಮಕ್ಕಳಲ್ಲಿ ಅವನೇ ಕೊನೆಯವನು. ತಂದೆ ಮನೆ ಬಿಟ್ಟುಹೋದನು. ತಾಯಿ ಮ್ಯಾಲಿ ಧೈರ್ಯಗುಂದದೆ 1920ರಲ್ಲಿ ಮಕ್ಕಳನ್ನು ಕಟ್ಟಿಕೊಂಡು ದೂರದ ಕ್ಯಾಲಿಫೋರ್ನಿಯಾದ ಪಸಡೀನಾಕ್ಕೆ ಬಂದಳು. ಅಲ್ಲಿ ಬಿಳಿಯರ ಮನೆಗಳಲ್ಲಿ ಕೆಲಸ ಮಾಡಿ ಐವರನ್ನೂ ಸಾಕಿದಳು. ಅಣ್ಣ ಮ್ಯಾಕ್ 1936ರ ಬರ್ಲಿನ್ ಒಲಿಂಪಿಕ್ಸಿನ 200 ಮೀಟರ್ ಓಟದಲ್ಲಿ ಜೆಸ್ಸಿ ಓವೆನ್ಸನ ಹಿಂದೆ ಎರಡನೆಯವನಾಗಿ ಬೆಳ್ಳಿಯ ಪದಕ ಗಳಿಸಿದನು. ತಮ್ಮನು ಲಾಸ್ ಏಂಜಲೀಸಿನ ವಿಶ್ವವಿದ್ಯಾನಿಲಯದಲ್ಲಿ ಬೇಸ್‌ಬಾಲ್, ಬ್ಯಾಸ್ಕೆಟ್‌ಬಾಲ್, ಅಮೆರಿಕನ್ ಫುಟ್‌ಬಾಲ್, ಓಟ ಜಿಗಿತ ಈ ನಾಲ್ಕರಲ್ಲಿಯೂ ತಂಡದ ಗೌರವ ಪಡೆದ ಮೊದಲಿಗನಾದನು. ಆದರೆ ಪದವಿ ಕೈಸೇರುವ ಮೊದಲೇ, 1941ರಲ್ಲಿ, ಓದು ಬಿಟ್ಟನು. ತಾಯಿಯ ದುಡಿಮೆಗೆ ಹೆಗಲು ಕೊಡಬೇಕೆಂಬುದು ಅವನ ಹಂಬಲವಾಗಿತ್ತು.

ಎರಡನೆಯ ಮಹಾಯುದ್ಧದ ಕಾಲದಲ್ಲಿ ಅವನು ಸೈನ್ಯ ಸೇರಿ 1943ರಲ್ಲಿ ಸೆಕೆಂಡ್ ಲೆಫ್ಟಿನೆಂಟ್ ಆದನು. 1944ರ ಜುಲೈ ತಿಂಗಳಲ್ಲಿ ಟೆಕ್ಸಾಸಿನ ಕ್ಯಾಂಪ್ ಹುಡ್ಡಿನ ಬಸ್ಸೊಂದರಲ್ಲಿ ಡ್ರೈವರನು ಅವನನ್ನು ಹಿಂದಿನ ಸೀಟಿಗೆ ಹೋಗೆಂದು ಗದರಿಸಿದನು. ರಾಬಿನ್ಸನ್ ಕದಲಲಿಲ್ಲ. ಮೊಕದ್ದಮೆ ಸೈನಿಕ ನ್ಯಾಯಾಲಯದವರೆಗೆ ಹೋಗಿ, ಆಗಸ್ಟಿನಲ್ಲಿ ಅವನು ನಿರ್ದೋಷಿಯೆಂದು ತೀರ್ಪಾಯಿತು. ಅನ್ಯಾಯವನ್ನು ಕಂಡರೆ ಸಿಡಿದೇಳುವ ಸ್ವಭಾವ ಅವನದು. ಮುಂದೆ ಅವನು ಹೊತ್ತ ಹೊರೆಯ ಭಾರ ತಿಳಿಯಬೇಕಾದರೆ ಇದನ್ನು ಮರೆಯಬಾರದು.

ಆ ಕಾಲದಲ್ಲಿ ದೊಡ್ಡ ಲೀಗುಗಳಲ್ಲಿ ಕರಿಯರಿಗೆ ಪ್ರವೇಶವಿರಲಿಲ್ಲ. ಬರೆದಿಟ್ಟ ನಿಯಮವೇನೂ ಇರಲಿಲ್ಲ. ಆದರೂ 1880ರ ದಶಕದ ಮಧ್ಯದಿಂದ ಅರುವತ್ತು ವರ್ಷ ಆ ಬಾಗಿಲು ತೆರೆದಿರಲಿಲ್ಲ. ಬೇರೆ ಬಾವಿ, ಬೇರೆ ಲೋಟಗಳನ್ನು ಕಂಡ ನಮ್ಮ ನಾಡಿನವರಿಗೆ ಬರೆಯದ ನಿಯಮದ ಬಲವನ್ನು ವಿವರಿಸಿ ಹೇಳಬೇಕಾಗಿಲ್ಲ. ಕರಿಯರು ತಮ್ಮದೇ ಲೀಗುಗಳನ್ನು ಕಟ್ಟಿಕೊಂಡು ಆಡುತ್ತಿದ್ದರು. 1945ರಲ್ಲಿ ರಾಬಿನ್ಸನ್ ಅಂಥ ತಂಡಗಳಲ್ಲೊಂದಾದ ಕನ್ಸಾಸ್ ಸಿಟಿ ಮೊನಾರ್ಕ್ಸ್ ಪರವಾಗಿ ಆಡಿದನು.

ಬ್ರೂಕ್ಲಿನ್ ಡಾಡ್ಜರ್ಸ್ ತಂಡದ ಅಧ್ಯಕ್ಷನಾದ ಬ್ರಾಂಚ್ ರಿಕಿ ಈ ಬಾಗಿಲನ್ನು ತೆರೆಯಲು ನಿಶ್ಚಯಿಸಿದ್ದನು. 1945ರ ಆಗಸ್ಟ್ 28ರಂದು ಅವನು ರಾಬಿನ್ಸನ್ನನನ್ನು ತನ್ನ ಕಚೇರಿಗೆ ಕರೆಸಿಕೊಂಡನು. ಆಟದಲ್ಲಿಯೂ ಹೋಟೆಲಿನಲ್ಲಿಯೂ ಎದುರಾಗಬಹುದಾದ ಅವಮಾನಗಳನ್ನೆಲ್ಲ ತಾನೇ ಅಭಿನಯಿಸಿ ತೋರಿಸಿದನು. ಏನೇ ಬಂದರೂ ತಿರುಗಿ ಕೈಯೆತ್ತುವುದಿಲ್ಲವೆಂಬ ಮಾತನ್ನು ಪಡೆದನು. ಬಸ್ಸಿನಲ್ಲಿ ಕದಲದ ಮನುಷ್ಯನಿಂದ ಈ ಮಾತು ಪಡೆಯುವುದೆಂದರೆ ಸಾಮಾನ್ಯವಲ್ಲ. ಮಹಾತ್ಮರ ನಾಡಿನವರಾದ ನಮಗೆ ಸಹನೆಯೂ ಒಂದು ಶಸ್ತ್ರವೆಂಬುದು ಗೊತ್ತು; ಆದರೆ ಆ ಶಸ್ತ್ರದ ಹಿಡಿಯೂ ಹರಿತವೆಂಬುದು ಅದನ್ನು ಹಿಡಿದವನಿಗೆ ಮಾತ್ರ ಗೊತ್ತು. ಅಕ್ಟೋಬರ್ 23ರಂದು ರಾಬಿನ್ಸನ್ ಡಾಡ್ಜರ್ಸ್‌ನ ಕೆಳಗಿನ ತಂಡವಾದ ಮಾಂಟ್ರಿಯಲ್ ರಾಯಲ್ಸ್‌ಗೆ ಸೇರಿದನು.

1946ರ ಫೆಬ್ರವರಿ 10ರಂದು ರೇಚಲ್ ಎಂಬ ವಿದ್ಯಾವಂತ ತರುಣಿಯೊಡನೆ ಅವನ ವಿವಾಹವಾಯಿತು. ತಿಂಗಳು ತುಂಬುವ ಮೊದಲೇ ದಂಪತಿಗಳು ವಸಂತದ ತಾಲೀಮಿಗಾಗಿ ಫ್ಲೋರಿಡಾಕ್ಕೆ ಹೊರಟರು. ದಾರಿಯಲ್ಲಿ ಎರಡು ಕಡೆ ಅವರಿಗೆ ವಿಮಾನದಲ್ಲಿ ಸ್ಥಳ ತಪ್ಪಿಸಲಾಯಿತು. ಕೊನೆಗೆ ಬಸ್ಸು ಹತ್ತಿದರೆ ಅಲ್ಲಿಯೂ ಹಿಂದಿನ ಸೀಟಿಗೆ ಹೋಗಬೇಕಾಯಿತು. ಕ್ಯಾಂಪ್ ಹುಡ್ಡಿನಲ್ಲಿ ಕದಲದವನು ಈ ಸಲ ಎದ್ದು ಹಿಂದಕ್ಕೆ ಹೋದನು. ಕೊಟ್ಟ ಮಾತು ಹಾಗಿತ್ತು. ಸ್ಯಾನ್‌ಫರ್ಡ್ ಎಂಬ ಊರಿನಲ್ಲಿ ಬೆದರಿಕೆ ಬಂದುದರಿಂದ ಅವರು ಡೇಟೋನಾ ಬೀಚಿಗೆ ಮರಳಿ, ಅಲ್ಲಿ ಕರಿಯರ ಮನೆಯೊಂದರಲ್ಲಿ ತಂಗಿದರು. ಬಿಳಿಯ ಆಟಗಾರರಿಗೆ ಹೋಟೆಲು.

ಮಾರ್ಚ್ 17ರಂದು ಡೇಟೋನಾ ಬೀಚಿನ ಮೈದಾನದಲ್ಲಿ ಅವನು ಡಾಡ್ಜರ್ಸ್ ವಿರುದ್ಧ ಪ್ರದರ್ಶನದ ಆಟವಾಡಿದನು. ಊರಿನವರು ತಡೆಯಲಿಲ್ಲ. ಉಳಿದ ಊರುಗಳು ಹಾಗಿರಲಿಲ್ಲ. ಜ್ಯಾಕ್‌ಸನ್‌ವಿಲ್ಲಿನಲ್ಲಿ ಮೈದಾನಕ್ಕೆ ಬೀಗ ಜಡಿದಿದ್ದರು. ಡಿಲ್ಯಾಂಡಿನಲ್ಲಿ ದೀಪಗಳು ಕೆಟ್ಟಿವೆಯೆಂಬ ಕಾರಣ ಹೇಳಿ ಆಟ ರದ್ದು ಮಾಡಿದರು, ಆಟವಿದ್ದುದು ಹಗಲಿನಲ್ಲಿ! ಇದರ ನಡುವೆ ಆತುರದಿಂದ ಚೆಂಡೆಸೆದು ಅವನ ತೋಳು ನೋವಿಗೀಡಾಯಿತು. ಹೊಡೆತಗಳೂ ಮೊದಮೊದಲು ಕೂಡಿಬರಲಿಲ್ಲ.

ಇಲ್ಲಿ ಓದುಗರು ಒಂದು ಸೂಕ್ಷ್ಮವನ್ನು ಗಮನಿಸಬೇಕು. ಬಿಳಿಯ ಯುವಕನೊಬ್ಬನು ವಸಂತದ ಆಟದಲ್ಲಿ ಚೆಂಡು ಬಿಟ್ಟರೆ ಅದು ಅಭ್ಯಾಸ. ಋತು ಆರಂಭವಾಗುವ ಹೊತ್ತಿಗೆ ಸರಿಹೋಗುತ್ತದೆಂದು ಎಲ್ಲರೂ ಸುಮ್ಮನಾಗುತ್ತಾರೆ. ರಾಬಿನ್ಸನ್ ಬಿಟ್ಟರೆ ಅದು ಅವನ ಕುಲದ ದೋಷ. ಅವನು ಚೆನ್ನಾಗಿ ಹೊಡೆದರೆ ಮಾತ್ರ ಅದು ಪ್ರದರ್ಶನದ ಆಟ, ಅದರಿಂದ ಏನೂ ಸಿದ್ಧವಾಗದು. ಬೀದಿಯ ಮಗುವಿಗೆ ಗೆಲುವೂ ಇಲ್ಲ, ಸೋಲೂ ಇಲ್ಲ. ಇವನ ಗೆಲುವು ಲೆಕ್ಕಕ್ಕಿರಲಿಲ್ಲ. ಸೋಲು ಮಾತ್ರ ಬಡ್ಡಿಸಹಿತ ಲೆಕ್ಕಕ್ಕಿತ್ತು.

ಏಪ್ರಿಲ್ 18ರಂದು ಜರ್ಸಿ ಸಿಟಿಯಲ್ಲಿ ಲೆಕ್ಕದ ಆಟ ಆರಂಭವಾಯಿತು. ಅಂದು ರಾಬಿನ್ಸನ್ ಐದು ಸಲ ದಾಂಡು ಹಿಡಿದು ನಾಲ್ಕು ಸಲ ಯಶಸ್ವಿಯಾಗಿ ಹೊಡೆದನು. ಅವುಗಳಲ್ಲೊಂದು ಮೂರು ಓಟಗಳನ್ನು ತಂದ ಹೋಂ ರನ್. ಅವನ ತಂಡ 14–1ರಿಂದ ಗೆದ್ದಿತು. ಆ ವರ್ಷ ಅವನ ಸರಾಸರಿ .349, ಲೀಗಿನಲ್ಲಿಯೇ ಮೊದಲನೆಯದು. ತಂಡದ ವ್ಯವಸ್ಥಾಪಕನಾದ ಕ್ಲೇ ಹಾಪರ್ ಮಿಸಿಸಿಪಿಯವನು; ಮೊದಲು ಅವನನ್ನು ಸೇರಿಸಿಕೊಳ್ಳಲು ಹಿಂಜರಿದವನು. ಋತು ಮುಗಿದಾಗ ಅವನೇ ಮುಂದೆ ಬಂದು ಕೈಕುಲುಕಿ ಅಭಿನಂದಿಸಿದನು.

1947ರ ವಸಂತದಲ್ಲಿ ರಿಕಿ ಫ್ಲೋರಿಡಾವನ್ನು ಬಿಟ್ಟು ತಾಲೀಮನ್ನು ಕ್ಯೂಬಾದ ಹವಾನಾಕ್ಕೆ ಒಯ್ದನು. ಅಲ್ಲಿ ಕರಿಯರೂ ಬಿಳಿಯರೂ ಕೂಡಿ ಆಡುತ್ತಿದ್ದರು. ಆದರೂ ಜಗಳವೇಳಬಾರದೆಂಬ ಎಚ್ಚರಿಕೆಯಿಂದ ರಿಕಿಯೇ ರಾಬಿನ್ಸನ್ನನನ್ನೂ ಇತರ ಮೂವರು ಕರಿಯ ಆಟಗಾರರನ್ನೂ ಬೇರೆ ಹೋಟೆಲಿನಲ್ಲಿ ಇರಿಸಿದನು. ರಾಬಿನ್ಸನ್ನನಿಗೆ ಇದು ಹಿಡಿಸಲಿಲ್ಲ, ಆದರೂ ಸಹಿಸಿದನು. ಅವನು ಹೊಟ್ಟೆನೋವಿನಿಂದ ಬಳಲುತ್ತಿದ್ದಾಗಲೇ ತನಗೆ ಹೊಸದಾದ ಒಂದನೆಯ ನೆಲೆಯ ಕಾವಲನ್ನು ಕಲಿಯಬೇಕಾಯಿತು. ಅವನ ಆಟವನ್ನು ಕಣ್ಣಾರೆ ಕಂಡರೆ ಡಾಡ್ಜರ್ಸ್ ಆಟಗಾರರೇ ಅವನನ್ನು ಬೇಡುವರೆಂದು ರಿಕಿ ಎಣಿಸಿದ್ದನು. ಆದುದು ಬೇರೆ. ಕೆಲವರು ಅವನೊಡನೆ ಆಡುವುದಿಲ್ಲವೆಂದು ಮನವಿಯೊಂದನ್ನು ಸಿದ್ಧಪಡಿಸತೊಡಗಿದರು. ಪನಾಮಾದಲ್ಲಿ ಸುದ್ದಿ ತಿಳಿದ ವ್ಯವಸ್ಥಾಪಕ ಲಿಯೊ ಡುರೋಷರ್ ರಾತ್ರೋರಾತ್ರಿ ಎಲ್ಲರನ್ನೂ ಎಬ್ಬಿಸಿ, ಆ ಪ್ರಯತ್ನವನ್ನು ಅಲ್ಲಿಯೇ ಅಡಗಿಸಿದನು.

ಹೀಗೆ ದಿನಗಳು ಕಳೆದವು. ತೀರ್ಮಾನ ಮಾತ್ರ ಹೊರಬೀಳಲಿಲ್ಲ. ಏಪ್ರಿಲ್ 9ರಂದು ಡುರೋಷರನನ್ನೇ ಬೇರೊಂದು ಕಾರಣಕ್ಕಾಗಿ ಇಡೀ ಋತುವಿಗೆ ಅಮಾನತು ಮಾಡಲಾಯಿತು. ಮರುದಿನ ಬ್ರೂಕ್ಲಿನ್ನಿನಲ್ಲಿ ಪ್ರದರ್ಶನದ ಆಟವೊಂದು ನಡೆಯುತ್ತಿದ್ದಾಗಲೇ ಪತ್ರಿಕೆಯವರ ಕೈಗೆ ಚಿಕ್ಕ ಪ್ರಕಟಣೆಯೊಂದು ಬಂದಿತು: ಡಾಡ್ಜರ್ಸ್ ರಾಬಿನ್ಸನ್ನನನ್ನು ಮಾಂಟ್ರಿಯಲ್‌ನಿಂದ ತೆಗೆದುಕೊಂಡಿತ್ತು. ಋತು ಆರಂಭವಾಗಲು ಐದೇ ದಿನ ಉಳಿದಿತ್ತು. ಅವನು ಡಾಡ್ಜರ್ಸ್ ಉಡುಪು ತೊಟ್ಟು ಮೊದಲು ಆಡಿದ್ದು ಏಪ್ರಿಲ್ 11ರಂದು, ಯ್ಯಾಂಕೀಸ್ ವಿರುದ್ಧ. ಅದೂ ಲೆಕ್ಕಕ್ಕಿಲ್ಲದ ಆಟವೇ.

ಏಪ್ರಿಲ್ 15, 1947, ಮಂಗಳವಾರ. ಎಬೆಟ್ಸ್ ಫೀಲ್ಡಿನಲ್ಲಿ ಇಪ್ಪತ್ತೈದು ಸಾವಿರಕ್ಕೂ ಹೆಚ್ಚು ಜನ ಸೇರಿದ್ದರು. ಅವರಲ್ಲಿ ಅರ್ಧಕ್ಕಿಂತ ಹೆಚ್ಚು ಮಂದಿ ಕರಿಯರೆಂದು ಅಂದಾಜು. ಎದುರಾಳಿ ಬಾಸ್ಟನ್ ಬ್ರೇವ್ಸ್. ಇಪ್ಪತ್ತೆಂಟು ವರ್ಷದ ರಾಬಿನ್ಸನ್ 42ನೆಯ ಅಂಕಿಯ ಅಂಗಿ ತೊಟ್ಟು ಒಂದನೆಯ ನೆಲೆಯಲ್ಲಿ ನಿಂತನು. ಅಂದು ಅವನಿಂದ ಒಂದೂ ಯಶಸ್ವಿ ಹೊಡೆತ ಬರಲಿಲ್ಲ. ಆದರೆ ಏಳನೆಯ ಸರದಿಯಲ್ಲಿ ಅವನು ಮೆಲ್ಲನೆ ತಟ್ಟಿದ ಚೆಂಡನ್ನು ಹಿಡಿದವರು ಎಸೆಯುವುದರಲ್ಲಿ ತಪ್ಪಿದರು. ನೆಲೆ ಸೇರಿದವನು ಜೊತೆಗಾರನ ಹೊಡೆತಕ್ಕೆ ಓಡಿಬಂದು ತಂಡಕ್ಕೆ ಮುನ್ನಡೆಯ ಓಟ ತಂದನು. ಡಾಡ್ಜರ್ಸ್ 5–3ರಿಂದ ಗೆದ್ದಿತು. ಆಟದ ದೃಷ್ಟಿಯಿಂದ ಸಾಧಾರಣವಾದ ದಿನ. ಆದರೆ ಅಂದಿನ ಪ್ರತಿಯೊಂದೂ ಪಟ್ಟಿಯಲ್ಲಿ ದಾಖಲಾಯಿತು, ಸೊನ್ನೆಯೂ ದಾಖಲಾಯಿತು. ಕರಿಯನ ಸೊನ್ನೆಗೆ ಬಿಳಿಯನ ಸೊನ್ನೆಯಷ್ಟೇ ಬೆಲೆ ಬಂದ ದಿನ ಅದು. ಸಮಾನತೆ ಎಂದರೆ ಇದೇ ಅಲ್ಲವೆ?

ಮುಂದಿನದನ್ನು ಚಿಕ್ಕದಾಗಿ ಹೇಳಬಹುದು. ಆ ತಿಂಗಳಲ್ಲಿಯೇ ಫಿಲಡೆಲ್ಫಿಯಾ ತಂಡದವರು ಅವನಿಗೆ ಕಿವಿಯಿಂದ ಕೇಳಲಾಗದಂತಹ ಬೈಗಳನ್ನು ಸುರಿಸಿದರು. ಅವನು ಬಾಯಿ ತೆರೆಯಲಿಲ್ಲ. ಅವನ ಪರವಾಗಿ ತೆರೆದವರು ಅವನ ಬಿಳಿಯ ಜೊತೆಗಾರರು. ವರ್ಷದ ಶ್ರೇಷ್ಠ ಹೊಸ ಆಟಗಾರನೆಂಬ ಪ್ರಶಸ್ತಿ ಅವನಿಗೆ ಬಂದಿತು. 1948ರಿಂದ ರಿಕಿ ಫ್ಲೋರಿಡಾದ ವೀರೊ ಬೀಚಿನಲ್ಲಿ, ಹಳೆಯ ನೌಕಾದಳದ ವಿಮಾನ ನಿಲ್ದಾಣದ ಮನೆಗಳಲ್ಲಿ, ಕರಿಯರೂ ಬಿಳಿಯರೂ ಒಂದೇ ಸೂರಿನಡಿ ಉಂಡು ಮಲಗುವಂತೆ ತಾಲೀಮಿನ ಬೀಡನ್ನು ಕಟ್ಟಿದನು. 1949ರ ಏಪ್ರಿಲ್ ತಿಂಗಳಲ್ಲಿ, ಋತುವಿಗೆ ಮುಂಚೆ, ಕು ಕ್ಲಕ್ಸ್ ಕ್ಲಾನಿನವರ ಬೆದರಿಕೆಯನ್ನು ಲೆಕ್ಕಿಸದೆ ತಂಡ ಅಟ್ಲಾಂಟಾದಲ್ಲಿ ಆಡಿತು. ಮೈದಾನ ಜನರಿಂದ ತುಂಬಿತು. ಆ ವೇಳೆಗೆ ಮೌನದ ಕಟ್ಟಳೆಯಿಂದ ಬಿಡುಗಡೆ ಹೊಂದಿದ್ದ ರಾಬಿನ್ಸನ್ .342 ಸರಾಸರಿಯೊಡನೆ ನ್ಯಾಷನಲ್ ಲೀಗಿನ ಅತ್ಯಮೂಲ್ಯ ಆಟಗಾರನೆನಿಸಿದನು. 1955ರಲ್ಲಿ ಡಾಡ್ಜರ್ಸ್ ಮೊದಲ ಬಾರಿಗೆ ವರ್ಲ್ಡ್ ಸೀರೀಸ್ ಗೆದ್ದಿತು. 1956ರ ಋತುವಿನ ನಂತರ ಅವನು ನಿವೃತ್ತನಾದನು. 1962ರಲ್ಲಿ ಕೀರ್ತಿ ಮಂದಿರಕ್ಕೆ ಆಯ್ಕೆಯಾದನು.

ಆಟ ಬಿಟ್ಟ ಮೇಲೂ ಅವನು ಸುಮ್ಮನೆ ಕೂಡಲಿಲ್ಲ. ಕರಿಯರ ಹಕ್ಕುಗಳಿಗಾಗಿ ಹೋರಾಡಿದನು. 1964ರಲ್ಲಿ ಹಾರ್ಲೆಮ್ಮಿನಲ್ಲಿ ಅವರದೇ ಆದ ಬ್ಯಾಂಕೊಂದನ್ನು ಸ್ಥಾಪಿಸುವುದರಲ್ಲಿ ಮುಂದಾದನು. ಮಧುಮೇಹದಿಂದ ದೇಹ ಜರ್ಜರಿತವಾಯಿತು, ದೃಷ್ಟಿ ಮಂದವಾಯಿತು. 1972ರ ಅಕ್ಟೋಬರ್ 15ರಂದು ಸನ್ಮಾನಕ್ಕೆಂದು ಕರೆದ ವೇದಿಕೆಯಲ್ಲಿ, ಕರಿಯನೊಬ್ಬನು ತಂಡದ ವ್ಯವಸ್ಥಾಪಕನಾಗುವುದನ್ನು ಕಾಣುವ ಆಸೆ ತನಗಿನ್ನೂ ಉಳಿದಿದೆಯೆಂದು ತಿಳಿಸಿದನು. ಒಂಬತ್ತು ದಿನಗಳ ಮೇಲೆ, ಐವತ್ಮೂರನೆಯ ವಯಸ್ಸಿನಲ್ಲಿ, ತೀರಿಕೊಂಡನು. ಆ ಆಸೆ 1975ರಲ್ಲಿ ಫ್ರಾಂಕ್ ರಾಬಿನ್ಸನ್ನನಿಂದ ಕೈಗೂಡಿತು.

1997ರಲ್ಲಿ 42ನೆಯ ಅಂಕಿಯನ್ನು ದೊಡ್ಡ ಲೀಗುಗಳ ಎಲ್ಲ ತಂಡಗಳೂ ಅವನ ಗೌರವಾರ್ಥವಾಗಿ ಮೀಸಲಿಟ್ಟವು. 2004ರಿಂದ ಪ್ರತಿ ಏಪ್ರಿಲ್ 15 ಅವನ ದಿನ. ಅದು ಯೋಗ್ಯವೇ. ಆದರೆ ನನಗೆ ತೋರುವ ಮಟ್ಟಿಗೆ, ಆ ಏಪ್ರಿಲ್ ದಿನದ ಬೆಲೆ ತೆತ್ತದ್ದು ಅದರ ಹಿಂದಿನ ಎರಡು ಮಾರ್ಚ್ ತಿಂಗಳುಗಳಲ್ಲಿ. ಡೇಟೋನಾ ಬೀಚಿನ ಆ ಮೈದಾನಕ್ಕೆ ಇಂದು ಅವನ ಹೆಸರಿರುವುದು ಅದಕ್ಕಾಗಿಯೇ ಸರಿ. ನಮ್ಮ ಕಾಲೇಜಿನಲ್ಲಿಯೂ ವಂಶದಲ್ಲಿ ಮೊದಲಿಗರಾಗಿ ಈ ಮೆಟ್ಟಿಲು ಹತ್ತಿದವರು ಹಲವರಿದ್ದೇವೆ. ಮೊದಲು ಹೋಗುವವನ ತಪ್ಪು ಅವನೊಬ್ಬನದಾಗಿ ಉಳಿಯುವುದಿಲ್ಲವೆಂಬ ಅಳುಕು ನಮಗೆ ಅಪರಿಚಿತವಲ್ಲ. ಆ ಅಳುಕಿನ ನಡುವೆಯೂ ನೆಟ್ಟಗೆ ನಿಂತವನೊಬ್ಬನು ಇದ್ದನೆಂದು ತಿಳಿಯುವುದೇ ಒಂದು ಬಲ.

ಇನ್ನೊಂದು ಸಂಗತಿಯನ್ನು ಹೇಳಿ ಮುಗಿಸುತ್ತೇನೆ. ಕರಿಯರ ಆ ಹಳೆಯ ಲೀಗುಗಳನ್ನು ದೊಡ್ಡ ಲೀಗುಗಳೆಂದೇ ಪರಿಗಣಿಸಬೇಕೆಂದು ಬೇಸ್‌ಬಾಲ್ ಆಡಳಿತವು 2020ರಲ್ಲಿ ನಿರ್ಣಯಿಸಿತು. 2024ರಲ್ಲಿ ಅವುಗಳ ಅಂಕಿಅಂಶಗಳು ಅಧಿಕೃತ ದಾಖಲೆಗೆ ಸೇರಿದವು. ಕನ್ಸಾಸ್ ಸಿಟಿ ತಂಡಕ್ಕಾಗಿ 1945ರಲ್ಲಿ ರಾಬಿನ್ಸನ್ ಹೊಡೆದ ಹೊಡೆತಗಳು ಎಪ್ಪತ್ತೊಂಬತ್ತು ವರ್ಷಗಳ ಮೇಲೆ ಲೆಕ್ಕಕ್ಕೆ ಬಂದವು. ಅವುಗಳನ್ನು ಹೊಡೆದವನು ಹೋಗಿ ಅರ್ಧ ಶತಮಾನ ಕಳೆದಿತ್ತು.