ಬೇಡ ಎಂದ ಶಾಲೆಗೇ ಮುಖ್ಯ ಅತಿಥಿ

ಜೆ.ಪಿ. ನಗರ ಎರಡನೇ ಹಂತದ ರಂಗಶಂಕರದಲ್ಲಿ ಮೊನ್ನೆ ಸಂಜೆ ಕಾಫಿ ಕುಡಿಯುತ್ತ ಕೂತಿದ್ದೆವು. ಗೆಳೆಯನ ಮೊಬೈಲ್‌ಗೆ ಮೇಲ್ ಬಂತು. ಅನಿಮೇಷನ್ ಡಿಪ್ಲೊಮಾ ಮುಗಿಸಿ ಎಂಟು ತಿಂಗಳಿಂದ ಕೆಲಸ ಹುಡುಕುತ್ತಿರುವವನು ಅವನು. ಕಳಿಸಿದ ಚಿತ್ರಗಳು ನಮ್ಮ ಮಟ್ಟಕ್ಕೆ ಹೊಂದುವುದಿಲ್ಲ ಎಂಬರ್ಥದ ಎರಡು ಸಾಲು ಅದರಲ್ಲಿತ್ತು. ಇಂಥ ಮೇಲ್ ಬಂದದ್ದು ಇದು ನಾಲ್ಕನೇ ಸಲ. ಇನ್ನು ಚಿತ್ರ ಬರೆಯುವುದೇ ಬೇಡ, ಯಾವುದಾದರೂ ಕಾಲ್ ಸೆಂಟರ್ ಸೇರುತ್ತೇನೆ ಎಂದು ಎದ್ದುಬಿಟ್ಟ.

ಅವನಿಗೆ ಏನು ಹೇಳಬೇಕೋ ತೋಚಲಿಲ್ಲ. ಕೂತಿದ್ದ ಜಾಗವೇ ಒಂದು ಕಥೆ ನೆನಪಿಸಿತು. ರಂಗಶಂಕರ ಕಟ್ಟಿದ್ದು ಶಂಕರ್ ನಾಗ್ ನೆನಪಿಗೆ. ಶಂಕರ್ ನಾಗ್ ಎಂದರೆ ‘ಮಾಲ್ಗುಡಿ ಡೇಸ್’. ಆ ಧಾರಾವಾಹಿ ಎಂದರೆ, ಶುರುವಿನಲ್ಲಿ ಬರುವ ಆ ರೇಖಾಚಿತ್ರಗಳು. ಅವನ್ನು ಬರೆದ ಮೈಸೂರಿನ ಹುಡುಗನಿಗೂ ಒಂದು ಕಾಲದಲ್ಲಿ ಇಂಥದ್ದೇ ಪತ್ರ ಬಂದಿತ್ತು. ಅವರೇ ಆರ್.ಕೆ. ಲಕ್ಷ್ಮಣ್.

ಗೋಡೆಯೇ ಹಲಗೆ

ರಾಶಿಪುರಂ ಕೃಷ್ಣಸ್ವಾಮಿ ಲಕ್ಷ್ಮಣ್ ಹುಟ್ಟಿದ್ದು 1921ರ ಅಕ್ಟೋಬರ್ 24ರಂದು, ಮೈಸೂರಿನಲ್ಲಿ. ಮನೆಮಾತು ತಮಿಳು, ಬೆಳೆದ ಬೀದಿಯ ಮಾತು ಕನ್ನಡ. ತಂದೆ ಶಾಲೆಯ ಮುಖ್ಯೋಪಾಧ್ಯಾಯರು. ಗಂಡುಮಕ್ಕಳಲ್ಲಿ ಲಕ್ಷ್ಮಣ್ ಕೊನೆಯವರು. ಮುಂದೆ ಮಾಲ್ಗುಡಿ ಎಂಬ ಊರನ್ನೇ ಸೃಷ್ಟಿಸಿದ ಆರ್.ಕೆ. ನಾರಾಯಣ್ ಇವರಿಗಿಂತ ಹದಿನೈದು ವರ್ಷ ದೊಡ್ಡ ಅಣ್ಣ.

ಓದಲು ಬರುವ ಮೊದಲೇ ಪತ್ರಿಕೆಗಳ ಚಿತ್ರಗಳನ್ನು ಕಣ್ಣಲ್ಲೇ ನುಂಗುತ್ತಿದ್ದ ಹುಡುಗ ಮನೆಯ ನೆಲ, ಗೋಡೆ, ಬಾಗಿಲು ಯಾವುದನ್ನೂ ಬಿಡಲಿಲ್ಲ. ಶಾಲೆಯಲ್ಲಿ ಅರಳಿ ಎಲೆ ಬರೆದಾಗ ಮೇಷ್ಟ್ರು ಮೆಚ್ಚಿದರು. ನಾನೊಬ್ಬ ಚಿತ್ರಗಾರ ಎಂದು ಅವತ್ತೇ ಅವನಿಗೆ ಖಾತ್ರಿಯಾಯಿತು. ಬ್ರಿಟನ್ನಿನ ಹೆಸರಾಂತ ವ್ಯಂಗ್ಯಚಿತ್ರಕಾರ ಡೇವಿಡ್ ಲೋ ಅವರ ಚಿತ್ರಗಳು ‘ದಿ ಹಿಂದೂ’ ಪತ್ರಿಕೆಯಲ್ಲಿ ಬರುತ್ತಿದ್ದವು. ಆ ಸಹಿಯನ್ನು ಹುಡುಗ ಬಹಳ ದಿನ ‘ಕೌ’ ಎಂದೇ ಓದಿಕೊಂಡಿದ್ದ. ಗುರುವಿನ ಹೆಸರೇ ಗೊತ್ತಿಲ್ಲದೆ ಶಿಷ್ಯನಾಗಿದ್ದ!

ಕಿಟಕಿಯಲ್ಲಿ ಕಂಡದ್ದೆಲ್ಲ ಚಿತ್ರವಾಗುತ್ತಿತ್ತು. ಒಣ ರೆಂಬೆ, ಹಲ್ಲಿ, ಸೌದೆ ಸೀಳುವ ಆಳು, ಮುಖ್ಯವಾಗಿ ಎದುರು ಮನೆ ಚಾವಣಿಯ ಮೇಲೆ ಕೂತ ಕಾಗೆಗಳು. ನಾವು ಒಂದೇ ಕಪ್ಪು ಹಕ್ಕಿಯನ್ನು ಕಾಣುವಲ್ಲಿ ಅವನಿಗೆ ಹತ್ತು ಭಂಗಿ ಕಾಣುತ್ತಿತ್ತು. ಕಾಗೆಯ ಮೇಲಿನ ಆ ಮೋಹ ಜೀವನವಿಡೀ ಉಳಿಯಿತು. ದೊಡ್ಡವರಾದ ಮೇಲೂ ಕಾಗೆಗಳನ್ನು ಬರೆಯುತ್ತಲೇ ಇದ್ದರು.

ಆಟದಲ್ಲೂ ಹಿಂದೆ ಬಿದ್ದವನಲ್ಲ. ಬಡಾವಣೆಯ ಕ್ರಿಕೆಟ್ ತಂಡಕ್ಕೆ ಅವನೇ ಕ್ಯಾಪ್ಟನ್. ಆ ಹುಡುಗರ ಪುಂಡಾಟ ಅಣ್ಣ ನಾರಾಯಣ್ ಅವರ ಕಥೆಗಳಿಗೆ ಸರಕಾಯಿತು. ಆದರೆ ಬಾಲ್ಯ ಪೂರ್ತಿ ಸುಖದ್ದಾಗಿರಲಿಲ್ಲ. ತಂದೆಗೆ ಪಾರ್ಶ್ವವಾಯು ಹೊಡೆಯಿತು. ವರ್ಷದ ಆಸುಪಾಸಿನಲ್ಲಿ ತೀರಿಕೊಂಡರು. ಮನೆಯ ಹೊಣೆ ಅಣ್ಣಂದಿರ ಹೆಗಲೇರಿತು, ಲಕ್ಷ್ಮಣ್ ಓದು ಮುಂದುವರಿಸಿದರು.

ಪ್ರತಿಭೆ ಸಾಲದು!

ಹೈಸ್ಕೂಲು ಮುಗಿಯುತ್ತಿದ್ದಂತೆ ಬಾಂಬೆಯ ಜೆ.ಜೆ. ಕಲಾಶಾಲೆಗೆ ಅರ್ಜಿ ಹಾಕಿದರು. ಚಿತ್ರಗಾರನಾಗಬೇಕೆಂಬ ಹುಡುಗನಿಗೆ ದೇಶದಲ್ಲಿ ಅದಕ್ಕಿಂತ ದೊಡ್ಡ ಬಾಗಿಲು ಇರಲಿಲ್ಲ. ಅಲ್ಲಿಂದ ಉತ್ತರ ಬಂತು. ನಿಮ್ಮ ಚಿತ್ರಗಳಲ್ಲಿ ಪ್ರವೇಶ ಕೊಡುವಷ್ಟು ಪ್ರತಿಭೆ ಕಾಣುತ್ತಿಲ್ಲ ಎಂಬುದು ಅದರ ತಾತ್ಪರ್ಯ.

ಹದಿಹರೆಯದಲ್ಲಿ ಇಂಥ ಪತ್ರ ಓದಿದರೆ ಎದೆಯೊಡೆಯುತ್ತದೆ. ಲಕ್ಷ್ಮಣ್ ಮೈಸೂರಿನ ಮಹಾರಾಜ ಕಾಲೇಜು ಸೇರಿ ಬಿ.ಎ. ಮಾಡಿದರು. ಚಿತ್ರ ಮಾತ್ರ ಒಂದು ದಿನವೂ ನಿಲ್ಲಲಿಲ್ಲ. ಅಣ್ಣನ ಕಥೆಗಳಿಗೆ ‘ದಿ ಹಿಂದೂ’ವಿನಲ್ಲಿ ಚಿತ್ರ ಬರೆದರು. ಸಣ್ಣಪುಟ್ಟ ಪತ್ರಿಕೆಗಳಿಗೆ ವ್ಯಂಗ್ಯಚಿತ್ರ ಕಳಿಸಿದರು. 1942ರಲ್ಲಿ ‘ರಾಶಿ’ ಎಂದೇ ಹೆಸರಾದ ಡಾ. ಎಂ. ಶಿವರಾಂ ‘ಕೊರವಂಜಿ’ ಹಾಸ್ಯಪತ್ರಿಕೆ ಶುರು ಮಾಡಿದರು. ವೃತ್ತಿಯಿಂದ ವೈದ್ಯರು, ಮೆಜೆಸ್ಟಿಕ್ ಬಳಿ ಕ್ಲಿನಿಕ್ಕು. ಅವರು ಕಾಲೇಜು ಹುಡುಗ ಲಕ್ಷ್ಮಣ್‌ಗೆ ತಮ್ಮ ಪತ್ರಿಕೆಯಲ್ಲಿ ಜಾಗ ಕೊಟ್ಟರು. ದೊಡ್ಡ ಕಲಾಶಾಲೆ ಬೇಡ ಎಂದವನನ್ನು ಕನ್ನಡದ ಪುಟ್ಟ ಪತ್ರಿಕೆ ಕರೆದು ಕೂರಿಸಿತು.

ಇಲ್ಲೇ ನನ್ನ ಗೆಳೆಯನಿಗೆ ಹತ್ತಿರವಾದ ಒಂದು ಸಂಗತಿ ಬರುತ್ತದೆ. ರಜೆಯಲ್ಲಿ ಲಕ್ಷ್ಮಣ್ ಮದ್ರಾಸಿನ ಜೆಮಿನಿ ಸ್ಟುಡಿಯೋದಲ್ಲಿ ಕೆಲಸ ಮಾಡಿದರು. ನಾರದನ ಮೇಲಿನ ಒಂದು ಅನಿಮೇಷನ್ ಚಿತ್ರಕ್ಕೂ ಕೈಹಚ್ಚಿದರು. ಆ ಹೊತ್ತಿಗೆ ಅಮೆರಿಕದಲ್ಲಿ ಅನಿಮೇಷನ್ನಿನ ಸುವರ್ಣಕಾಲ. 1928ರಲ್ಲಿ ಮಿಕ್ಕಿ ಮೌಸ್ ತೆರೆಗೆ ಬಂದಾಗಿತ್ತು, 1937ರಲ್ಲಿ ಡಿಸ್ನಿಯ ‘ಸ್ನೋ ವೈಟ್’ ಬಂದಿತ್ತು. ಆದರೆ ಅದೆಲ್ಲ ನೂರಾರು ಕೈಗಳ ಕೆಲಸ. ಸೆಕೆಂಡಿಗೆ 24 ಫ್ರೇಮು. ಎರಡು ಫ್ರೇಮಿಗೆ ಒಂದೇ ಚಿತ್ರ ಎಂದು ಲೆಕ್ಕ ಹಾಕಿದರೂ ಏಳು ನಿಮಿಷದ ಸಿನಿಮಾಕ್ಕೆ ಐದು ಸಾವಿರ ಚಿತ್ರ ಬೇಕು. ಫಿಲ್ಮ್ಸ್ ಡಿವಿಷನ್ನಿನವರಿಗೆ ಕಲಿಸಲೆಂದು ಡಿಸ್ನಿಯಲ್ಲಿ ದುಡಿದ ಕ್ಲೇರ್ ವೀಕ್ಸ್ ಬಾಂಬೆಗೆ ಬಂದದ್ದೇ 1956ರಲ್ಲಿ. ಅದಕ್ಕೂ ಹತ್ತು ಹದಿನೈದು ವರ್ಷ ಮೊದಲು ಮೈಸೂರಿನ ಹುಡುಗನೊಬ್ಬ ಅನಿಮೇಟರ್ ಆಗಿ ಅನ್ನ ಸಂಪಾದಿಸುವುದು ಆಗುವ ಮಾತಾಗಿರಲಿಲ್ಲ. ಇದ್ದ ದಾರಿ ಒಂದೇ. ಐದು ಸಾವಿರ ಚಿತ್ರ ಹೇಳುವುದನ್ನು ಒಂದೇ ಚಿತ್ರದಲ್ಲಿ ಹೇಳುವುದು.

ಡೆಡ್‌ಲೈನ್ ಹೆತ್ತ ಮಗು

ಡಿಗ್ರಿ ಮುಗಿಸಿ ಬಾಂಬೆಗೆ ಹೋದರು. ಮೊದಲ ಪೂರ್ಣಾವಧಿ ಕೆಲಸ ‘ಫ್ರೀ ಪ್ರೆಸ್ ಜರ್ನಲ್’ನಲ್ಲಿ. ಅಲ್ಲಿ ಜೊತೆಗೆ ಕೂತು ವ್ಯಂಗ್ಯಚಿತ್ರ ಬರೆಯುತ್ತಿದ್ದವರು ಮುಂದೆ ಶಿವಸೇನೆ ಕಟ್ಟಿದ ಬಾಳ ಠಾಕ್ರೆ. ಯಾರನ್ನು ಗೇಲಿ ಮಾಡಬಾರದು ಎಂದು ಮಾಲೀಕರು ಕಟ್ಟು ಹಾಕಿದಾಗ ಲಕ್ಷ್ಮಣ್ ಕೆಲಸ ಬಿಟ್ಟು ‘ಟೈಮ್ಸ್ ಆಫ್ ಇಂಡಿಯಾ’ ಸೇರಿದರು. ಆ ನಂಟು ಐವತ್ತು ವರ್ಷ ದಾಟಿತು.

ಅವರ ಪಾಕೆಟ್ ಕಾರ್ಟೂನ್ ‘ಯು ಸೆಡ್ ಇಟ್’ ಶುರುವಾದದ್ದು 1951ರಲ್ಲಿ. ಅದರ ನಾಯಕ ‘ಕಾಮನ್ ಮ್ಯಾನ್’ ಹೇಗೆ ಹುಟ್ಟಿದ ಎಂಬುದು ಚಿತ್ರ ಕಲಿಯುವವರೆಲ್ಲ ತಿಳಿಯಬೇಕಾದ ವಿಷಯ. ಮೊದಮೊದಲು ಭಾರತದ ಜನ ಎಂದು ತೋರಿಸಲು ಲಕ್ಷ್ಮಣ್ ಬಂಗಾಳಿ, ತಮಿಳ, ಪಂಜಾಬಿ, ಹೀಗೆ ಗುಂಪನ್ನೇ ಬರೆಯುತ್ತಿದ್ದರು. ಸಂಜೆಯ ಡೆಡ್‌ಲೈನ್ ಕುತ್ತಿಗೆಗೆ ಬಂದಾಗ ಅಷ್ಟು ಜನರನ್ನು ಬರೆಯಲು ಪುರುಸೊತ್ತೆಲ್ಲಿ? ಒಬ್ಬೊಬ್ಬರನ್ನೇ ಕೈಬಿಡುತ್ತ ಬಂದರು. ಕೊನೆಗೆ ಉಳಿದವನು ಒಬ್ಬನೇ. ಚೌಕಳಿ ಕೋಟು, ಪಂಚೆ, ಕನ್ನಡಕ, ಬೋಳುತಲೆಯ ಅಂಚಿಗೆ ನಾಲ್ಕು ಕೂದಲು. ಮತ್ತೆ ಮತ್ತೆ ಬರೆಯಲು ಸುಲಭವಾಗಲೆಂದು ಅಮೆರಿಕದ ಅನಿಮೇಟರುಗಳು ಮಿಕ್ಕಿಯನ್ನು ಬರೀ ವೃತ್ತಗಳಿಂದ ಕಟ್ಟಿದ್ದೂ ಇದೇ ದಾರಿಯಲ್ಲಿ. ಕೆಲಸದ ಒತ್ತಡ ಕಲೆಯನ್ನು ಕೊಲ್ಲುತ್ತದೆ ಎನ್ನುತ್ತೇವೆ. ಕೆಲವೊಮ್ಮೆ ಅದು ಬೇಡದ್ದನ್ನು ಮಾತ್ರ ಕೊಲ್ಲುತ್ತದೆ.

ಆ ಮನುಷ್ಯ ಒಂದು ದಿನವೂ ಬಾಯಿ ಬಿಡಲಿಲ್ಲ. ಮಂತ್ರಿಯ ಭಾಷಣ, ಅಧಿಕಾರಿಯ ನೆಪ, ಬೆಲೆ ಏರಿಕೆ, ರಸ್ತೆಗುಂಡಿ ಎಲ್ಲವನ್ನೂ ಮೂಲೆಯಲ್ಲಿ ನಿಂತು ನೋಡಿದ. ಓದುಗ ಅವನಲ್ಲಿ ತನ್ನನ್ನೇ ಕಂಡುಕೊಂಡ. 1988ರಲ್ಲಿ ಅವನು ಅಂಚೆಚೀಟಿಗೆ ಏರಿದ. ಪುಣೆ, ಮುಂಬೈಗಳಲ್ಲಿ ಅವನಿಗೆ ಪ್ರತಿಮೆಗಳಾದವು. 2003ರಲ್ಲಿ ನಮ್ಮ ಬೆಂಗಳೂರಿನಿಂದ ಹಾರಾಟ ಶುರು ಮಾಡಿದ, ಅಗ್ಗದ ಟಿಕೆಟ್ಟಿನ ಏರ್ ಡೆಕ್ಕನ್ ತನ್ನ ಗುರುತಾಗಿ ಆರಿಸಿಕೊಂಡದ್ದೂ ಅವನನ್ನೇ. ಏಷ್ಯನ್ ಪೇಂಟ್ಸ್ ಡಬ್ಬಿಯ ಮೇಲಿದ್ದ ತುಂಟ ಹುಡುಗ ಗಟ್ಟು ಕೂಡ ಲಕ್ಷ್ಮಣ್ ಕೈಯದೇ, 1954ರದು.

ಮ್ಯಾಗ್ಸೆಸೆ ಪ್ರಶಸ್ತಿ 1984ರಲ್ಲಿ, ಪದ್ಮವಿಭೂಷಣ 2005ರಲ್ಲಿ ಬಂತು. ಆದರೆ ನನಗೆ ಅವೆಲ್ಲಕ್ಕಿಂತ ದೊಡ್ಡದಾಗಿ ಕಾಣುವುದು ಇನ್ನೊಂದು ಗೌರವ. ಪ್ರತಿಭೆ ಸಾಲದು ಎಂದು ಪತ್ರ ಬರೆದಿದ್ದ ಅದೇ ಜೆ.ಜೆ. ಕಲಾಶಾಲೆ ವರ್ಷಗಳ ನಂತರ ಅವರನ್ನು ಸಮಾರಂಭಕ್ಕೆ ಮುಖ್ಯ ಅತಿಥಿಯಾಗಿ ಕರೆಯಿತು. ಲಕ್ಷ್ಮಣ್ ಹೋದರು.

2003ರಲ್ಲಿ ಪಾರ್ಶ್ವವಾಯು ಅವರ ಎಡಭಾಗವನ್ನು ಹಿಡಿಯಿತು, ತಂದೆಯನ್ನು ಕಿತ್ತುಕೊಂಡ ಅದೇ ಕಾಯಿಲೆ. ಚೇತರಿಸಿಕೊಂಡು ಮತ್ತೆ ಬರೆದರು. 2010ರಲ್ಲಿ ಮತ್ತೆ ಬಂದಾಗ ಮಾತು ಹೋಯಿತು. ಮಾತನಾಡದ ಮನುಷ್ಯನನ್ನು ಸೃಷ್ಟಿಸಿದವರು ಕೊನೆಗೆ ತಾವೂ ಮೌನವಾದರು. 2015ರ ಜನವರಿ 26ರಂದು, ಗಣರಾಜ್ಯೋತ್ಸವದ ದಿನವೇ, ಪುಣೆಯಲ್ಲಿ ತೀರಿಕೊಂಡರು. ಆಗ ಅವರಿಗೆ 93.

ಗೆಳೆಯನಿಗೆ ಇದನ್ನೆಲ್ಲ ಹೇಳಿದೆ. ಅವನು ಒಂದು ಸರಿಯಾದ ಪ್ರಶ್ನೆ ಕೇಳಿದ. ತಿರಸ್ಕಾರಗೊಂಡವರೆಲ್ಲ ಲಕ್ಷ್ಮಣ್ ಆಗುತ್ತಾರಾ? ಇಲ್ಲ. ಬೇಡ ಎಂದವರು ಸರಿಯಾಗಿಯೇ ಹೇಳಿರಬಹುದು. ಸ್ಕೆಚ್ ಇನ್ನೂ ಕಚ್ಚಾ ಇರಬಹುದು. ಈಗಂತೂ ಒಂದು ಸಾಲು ಟೈಪ್ ಮಾಡಿದರೆ ಎಐ ಚಿತ್ರ ಬರೆದುಕೊಡುತ್ತದೆ, ಪೈಪೋಟಿ ಇನ್ನೂ ಕಷ್ಟ. ಆದರೆ ಆ ಪತ್ರ ಹೇಳಿದ್ದು ಅವತ್ತಿನ ಮಟ್ಟಿನ ಮಾತು. ಮರುದಿನ ಬೆಳಿಗ್ಗೆ ಪೆನ್ಸಿಲ್ ಹಿಡಿಯಬೇಕೋ ಬೇಡವೋ ಎಂದು ತೀರ್ಮಾನಿಸುವ ಹಕ್ಕು ಆ ಪತ್ರಕ್ಕೆ ಇರಲಿಲ್ಲ. ಲಕ್ಷ್ಮಣ್ ಅದನ್ನು ತಮ್ಮ ಕೈಯಲ್ಲೇ ಇಟ್ಟುಕೊಂಡರು. ಅನಿಮೇಷನ್ ಕೈಗೆ ಸಿಗದಿದ್ದರೆ ಪತ್ರಿಕೆ, ದೊಡ್ಡ ಪತ್ರಿಕೆ ಸಿಗುವವರೆಗೆ ‘ಕೊರವಂಜಿ’.

ಗೆಳೆಯ ಒಪ್ಪಿದನೋ ಇಲ್ಲವೋ ಗೊತ್ತಿಲ್ಲ. ನಿನ್ನೆ ರಾತ್ರಿ ವಾಟ್ಸ್‌ಆ್ಯಪ್‌ನಲ್ಲಿ ಒಂದು ಸ್ಕೆಚ್ ಕಳಿಸಿದ್ದಾನೆ. ಅವರ ಮನೆ ಮುಂದಿನ ವಿದ್ಯುತ್ ತಂತಿಯ ಮೇಲೆ ಕೂತ ಕಾಗೆ. ಕಾಲು ಸ್ವಲ್ಪ ಸೊಟ್ಟಗಿದೆ. ಸೊಟ್ಟಗಿದೆ ಎಂದು ಬರೆದು ಕಳಿಸಿದೆ. ಬೆಳಿಗ್ಗೆ ಏಳುವಷ್ಟರಲ್ಲಿ ಇನ್ನೊಂದು ಕಾಗೆ ಬಂದಿತ್ತು.