ನಗದೆ ನಗಿಸಿದ ಬಸ್ಟರ್ ಕೀಟನ್

ಮೂಕಿ ಚಿತ್ರಗಳ ಕಾಲದಲ್ಲಿ ಲೋಕವನ್ನು ನಗಿಸಿದ ಚಾರ್ಲಿ ಚಾಪ್ಲಿನ್ನನ ಹೆಸರನ್ನು ನಾವೆಲ್ಲರೂ ಬಲ್ಲೆವು. ಅದೇ ಕಾಲದಲ್ಲಿ, ಗಂಭೀರವಾದ ಮೋರೆಯಿಂದಲೇ ಜನರನ್ನು ನಗಿಸಿದ ಇನ್ನೊಬ್ಬ ಕಲಾವಿದನು ಬಸ್ಟರ್ ಕೀಟನ್.

ಆತನು 1895ರ ಅಕ್ಟೋಬರ್ 4ರಂದು ಅಮೆರಿಕದ ಕ್ಯಾನ್ಸಸ್ ಪ್ರಾಂತದ ಪಿಕ್ವಾ ಎಂಬ ಸಣ್ಣ ಊರಿನಲ್ಲಿ ಜನಿಸಿದನು. ತಾಯಿತಂದೆಗಳು ಊರೂರು ಅಲೆದು ವಿನೋದ ಪ್ರದರ್ಶನಗಳನ್ನು ನೀಡುವ ನಟರು. ಎಳೆಯ ವಯಸ್ಸಿನಲ್ಲಿಯೇ ಬಾಲಕನೂ ರಂಗವನ್ನೇರಿದನು. ತಂದೆಯು ಮಗನನ್ನು ಎತ್ತಿ ಎಸೆಯುವುದೇ ಆ ಪ್ರದರ್ಶನದ ಮುಖ್ಯ ವಿನೋದವಾಗಿತ್ತು. ಮಕ್ಕಳ ರಕ್ಷಣೆಯ ಸಂಘದವರು ಇದನ್ನು ಆಕ್ಷೇಪಿಸಿದರು. ಅವರ ಆಕ್ಷೇಪಣೆ ನಮಗೆ ನ್ಯಾಯವೆಂದೇ ತೋರುತ್ತದೆ. ಶಾಲೆಯ ಓದಂತೂ ಆತನಿಗೆ ಬಹುಮಟ್ಟಿಗೆ ದೊರೆಯಲೇ ಇಲ್ಲ. ಆದರೆ ಪೆಟ್ಟಾಗದಂತೆ ಬೀಳುವ ಬಗೆಯನ್ನೂ, ಬಿದ್ದವನು ನಗದಿದ್ದರೆ ನೋಡುವವರು ಹೆಚ್ಚು ನಗುವರೆಂಬ ಗುಟ್ಟನ್ನೂ ಆತನು ಅಲ್ಲಿಯೇ ಕಲಿತನು.

1917ರಲ್ಲಿ ರಾಸ್ಕೋ ಆರ್ಬಕಲ್ ಎಂಬ ಹಾಸ್ಯನಟನೊಡನೆ ಚಲನಚಿತ್ರರಂಗವನ್ನು ಪ್ರವೇಶಿಸಿದ ಕೀಟನ್ನನು, 1920ರಿಂದ ಸ್ವತಂತ್ರವಾಗಿ ಕಿರುಚಿತ್ರಗಳನ್ನು ತಯಾರಿಸತೊಡಗಿದನು. ಆ ವರ್ಷದ ‘ಒನ್ ವೀಕ್’ ಚಿತ್ರದಲ್ಲಿ ನವದಂಪತಿಗಳು ಬಿಡಿಭಾಗಗಳನ್ನು ಜೋಡಿಸಿ ಮನೆಯೊಂದನ್ನು ಕಟ್ಟುತ್ತಾರೆ. ಹಗೆಯೊಬ್ಬನು ಪೆಟ್ಟಿಗೆಗಳ ಅಂಕಿಗಳನ್ನು ಬದಲಿಸಿರುವುದರಿಂದ ಮನೆಯು ಸೊಟ್ಟಗೆ ಎದ್ದು ನಿಲ್ಲುತ್ತದೆ. ಬಿರುಗಾಳಿಗೆ ಬುಗುರಿಯಂತೆ ತಿರುಗುತ್ತದೆ. ಕಡೆಗೆ ರೈಲುಹಳಿಯ ಮೇಲೆ ಸಿಕ್ಕಿಕೊಳ್ಳುತ್ತದೆ. ಬಂದ ರೈಲು ಪಕ್ಕದ ಹಳಿಯಲ್ಲಿ ಹಾದುಹೋಗುತ್ತದೆ. ಬದುಕಿತೆನ್ನುವಷ್ಟರಲ್ಲಿ ಎದುರಿನಿಂದ ಬಂದ ಇನ್ನೊಂದು ರೈಲು ಮನೆಯನ್ನು ನುಚ್ಚುನೂರು ಮಾಡುತ್ತದೆ!

ಇಂತಹ ನಗೆಯ ಹಿಂದೆ ಕರಾರುವಾಕ್ಕಾದ ಅಳತೆಯಿತ್ತು, ಅಪಾಯವೂ ಇತ್ತು. 1924ರ ‘ಷರ್ಲಾಕ್ ಜೂನಿಯರ್’ ಚಿತ್ರದಲ್ಲಿ ನೀರಿನ ರಭಸಕ್ಕೆ ಬಿದ್ದಾಗ ಆತನ ಕತ್ತಿನ ಎಲುಬು ಮುರಿದಿತ್ತು. ಅದು ತಿಳಿದುಬಂದುದು ಎಷ್ಟೋ ವರ್ಷಗಳ ಮೇಲೆ. 1928ರ ‘ಸ್ಟೀಮ್‌ಬೋಟ್ ಬಿಲ್ ಜೂನಿಯರ್’ ಚಿತ್ರದಲ್ಲಿ ಮನೆಯೊಂದರ ಇಡೀ ಮುಂಗೋಡೆ ಆತನ ಮೇಲೆ ಉರುಳುತ್ತದೆ. ತೆರೆದ ಕಿಟಕಿಯ ಜಾಗವು ಆತನು ನಿಂತಲ್ಲಿಗೆ ಸರಿಯಾಗಿ ಬೀಳುವುದರಿಂದ ಬದುಕುತ್ತಾನೆ. ನಿಂತ ಸ್ಥಳವು ತುಸುವೇ ತಪ್ಪಿದ್ದರೂ ಪ್ರಾಣಕ್ಕೆ ಎರವಾಗುತ್ತಿತ್ತು.

ಅದೇ ವರ್ಷ ಎಂ.ಜಿ.ಎಂ. ಎಂಬ ದೊಡ್ಡ ಸಂಸ್ಥೆಯನ್ನು ಸೇರಿ ಆತನು ತನ್ನ ಸ್ವಾತಂತ್ರ್ಯವನ್ನು ಕಳೆದುಕೊಂಡನು. ಕುಡಿತದ ಚಟವು ಬಲಿಯಿತು. 1933ರಲ್ಲಿ ಕೆಲಸವೂ ಹೋಯಿತು. ಆದರೂ ಆತನು ಮತ್ತೆ ಎದ್ದನು. ಇತರರ ಚಿತ್ರಗಳಿಗೆ ಹಾಸ್ಯಪ್ರಸಂಗಗಳನ್ನು ಹೆಣೆದುಕೊಟ್ಟನು. 1960ರಲ್ಲಿ ಗೌರವ ಆಸ್ಕರ್ ಪ್ರಶಸ್ತಿ ಸಂದಿತು. 1966ರ ಫೆಬ್ರವರಿ 1ರಂದು ಆತನು ನಿಧನ ಹೊಂದಿದನು.

ಬಿದ್ದವರನ್ನು ಕಂಡು ನಗಬಾರದೆಂದು ನಾವು ನಿಮಗೆ ತರಗತಿಯಲ್ಲಿ ಹೇಳುತ್ತೇವೆ. ಕೀಟನ್ನನನ್ನು ಕಂಡು ನಗುವುದಕ್ಕೆ ಮಾತ್ರ ಸಂಕೋಚ ಬೇಡ. ಆತನು ಅಳೆದು ತೂಗಿ ನಮಗಾಗಿಯೇ ಬೀಳುತ್ತಾನೆ. ಧೂಳು ಕೊಡವಿಕೊಂಡು, ಯಾರನ್ನೂ ದೂರದೆ, ಮುಂದಿನ ಕೆಲಸಕ್ಕೆ ನಡೆಯುತ್ತಾನೆ.