ಬಾಸ್ ಕೆಟ್ ಮತ್ತು ಮಿಸ್ಸಿಂಗ್ ಹೊಡೆಯುವ ಎಂಜಿನ್

ಗಾಡಿ ಮಿಸ್ಸಿಂಗ್ ಹೊಡೀತಿದೆ ಅಂತ ಗ್ಯಾರೇಜಿಗೆ ಹೋದರೆ ಈಗ ಯಾರೂ ಮೊದಲು ಬಾನೆಟ್ ಎತ್ತುವುದಿಲ್ಲ. ಸ್ಟಿಯರಿಂಗ್ ಕೆಳಗಿನ ಸಾಕೆಟ್ಟಿಗೆ ಸ್ಕ್ಯಾನರ್ ಚುಚ್ಚುತ್ತಾರೆ. ಪರದೆಯ ಮೇಲೆ ಪಿ0302 ಅಂತ ಬರುತ್ತೆ. ಅಂದರೆ ಎರಡನೇ ಸಿಲಿಂಡರಿನಲ್ಲಿ ಮಿಸ್‌ಫೈರ್. ಪಿ0300 ಬಂದರೆ ಯಾವುದೋ ಒಂದರಲ್ಲಿ ಅಲ್ಲ, ಅಲ್ಲೊಮ್ಮೆ ಇಲ್ಲೊಮ್ಮೆ ಆಗ್ತಿದೆ ಅಂತ ಅರ್ಥ. ಕೋಡಿನ ಜ್ಞಾನ ಅಲ್ಲಿಗೆ ಮುಗಿಯಿತು. ಕಿಡಿ ಬರಲಿಲ್ಲವೋ, ಇಂಜೆಕ್ಟರ್ ಪೆಟ್ರೋಲ್ ಕೊಡಲಿಲ್ಲವೋ, ವಾಲ್ವ್ ಸೋರಿ ಕಂಪ್ರೆಷನ್ ಹೋಯಿತೋ, ಅದಕ್ಕೆ ಗೊತ್ತಿಲ್ಲ. ಕ್ರ್ಯಾಂಕ್‌ಶಾಫ್ಟಿನ ಹಲ್ಲಿನ ಚಕ್ರದ ಎದುರು ಕೂತ ಸೆನ್ಸರ್ ಒಂದೊಂದು ಹಲ್ಲು ದಾಟುವ ಹೊತ್ತನ್ನು ಅಳೆಯುತ್ತಿರುತ್ತದೆ. ಎರಡನೇ ಸಿಲಿಂಡರ್ ತಳ್ಳಬೇಕಾದ ಹೊತ್ತಿಗೆ ಚಕ್ರ ಸ್ವಲ್ಪ ನಿಧಾನವಾಯಿತು, ಇಸಿಯು ಅದನ್ನು ಬರೆದುಕೊಂಡಿತು. ಅಷ್ಟೇ.

ಆದರೂ ಮೊದಲು ಅನುಮಾನ ಬೀಳುವುದು ಇಗ್ನಿಷನ್ ಕಾಯಿಲ್ ಮೇಲೆ. ಪಾಪ, ಈ ಕಾಯಿಲ್ ಮೇಲಿನ ಆರೋಪಕ್ಕೆ ನೂರು ವರ್ಷ ದಾಟಿದ ಇತಿಹಾಸ ಇದೆ. ಆ ಆರೋಪವನ್ನು ಮೊದಲು ಎದುರಿಸಿದವರು, ಕಾರಿಗೆ ಬ್ಯಾಟರಿ ಇಗ್ನಿಷನ್ನನ್ನು ಗಟ್ಟಿಯಾಗಿ ತಂದವರು, ಅಮೆರಿಕದ ಚಾರ್ಲ್ಸ್ ಕೆಟರಿಂಗ್. ಜೊತೆಯವರು ಅವರನ್ನು ಬಾಸ್ ಕೆಟ್ ಅಂತ ಕರೆಯುತ್ತಿದ್ದರಂತೆ. ಕನ್ನಡದ ಕಿವಿಗೆ ಬೇರೆ ಥರ ಕೇಳಿಸುತ್ತೆ ನಿಜ, ಆದರೆ ಕೆಟ್ಟ ಗಾಡಿಗಳ ನಡುವೆಯೇ ಬದುಕಿದವರಿಗೆ ಒಪ್ಪುವ ಹೆಸರೇ. ಅವರ ಹೆಸರಿನ ನುಡಿಮುತ್ತುಗಳು ಇಂಟರ್ನೆಟ್ಟಿನಲ್ಲಿ ರಾಶಿ ಬಿದ್ದಿವೆ. ಅವನ್ನು ನಾವಿಲ್ಲಿ ಮುಟ್ಟುವುದಿಲ್ಲ, ಕೆಲಸ ನೋಡೋಣ.

ಕೆಟರಿಂಗ್ ಹುಟ್ಟಿದ್ದು 1876ರ ಆಗಸ್ಟ್ 29ರಂದು, ಓಹಾಯೋ ರಾಜ್ಯದ ಲೌಡನ್‌ವಿಲ್ ಹತ್ತಿರದ ಒಂದು ಹೊಲದ ಮನೆಯಲ್ಲಿ. ಹುಡುಗನಿಗೆ ಕಣ್ಣು ಸರಿಯಿಲ್ಲ. ಓದಲು ಕೂತರೆ ತಲೆನೋವು. ಹಳ್ಳಿ ಶಾಲೆಯಲ್ಲಿ ಮೇಷ್ಟ್ರಾಗಿ ಕೆಲಸ ಮಾಡಿ, ಆಮೇಲೆ ಓಹಾಯೋ ಸ್ಟೇಟ್ ಯೂನಿವರ್ಸಿಟಿ ಸೇರಿದರು. ಕಣ್ಣು ಮತ್ತೆ ಕೈಕೊಟ್ಟಿತು. ಓದು ಬಿಟ್ಟು ಟೆಲಿಫೋನ್ ಕಂಬ ನೆಡುವ, ತಂತಿ ಎಳೆಯುವ ಗ್ಯಾಂಗಿಗೆ ಸೇರಿದರು. ಅಲ್ಲಿ ಬಯಲಲ್ಲಿ ದುಡಿಯುತ್ತಾ ಮೈ ಗಟ್ಟಿಯಾಯಿತು, ಕರೆಂಟಿನ ಕೆಲಸವೂ ಕೈಗೆ ಹತ್ತಿತು. ಮತ್ತೆ ಕಾಲೇಜಿಗೆ ಬಂದಾಗ ಜೊತೆಯ ಹುಡುಗರು ಪಠ್ಯಪುಸ್ತಕ ಗಟ್ಟಿಯಾಗಿ ಓದುವುದು, ಇವರು ಕೇಳಿಸಿಕೊಳ್ಳುವುದು. 1904ರಲ್ಲಿ ಎಲೆಕ್ಟ್ರಿಕಲ್ ಎಂಜಿನಿಯರಿಂಗ್ ಡಿಗ್ರಿ ಮುಗಿದಾಗ ವಯಸ್ಸು 27. ಒಂದೆರಡು ಬ್ಯಾಕ್ ಉಳಿದಿದೆ ಅಂತ ಹಾಸ್ಟೆಲಿನಲ್ಲಿ ಮುಖ ಸಣ್ಣಗೆ ಮಾಡಿಕೊಂಡು ಕೂತಿರುವ ಗೆಳೆಯರು ಈ ಅಂಕಿಯನ್ನು ಗಮನಿಸಬಹುದು.

ಮೊದಲ ಕೆಲಸ ಡೇಟನ್ ಊರಿನ ನ್ಯಾಷನಲ್ ಕ್ಯಾಶ್ ರಿಜಿಸ್ಟರ್ ಕಂಪನಿಯಲ್ಲಿ. ಅಂಗಡಿಯ ಗಲ್ಲಾದ ಮೆಷಿನ್ನನ್ನು ಆಗ ಕೈಯಲ್ಲಿ ಹಿಡಿಕೆ ತಿರುಗಿಸಿ ನಡೆಸಬೇಕಿತ್ತು, ಕೆಟರಿಂಗ್ ಅದಕ್ಕೆ ಎಲೆಕ್ಟ್ರಿಕ್ ಮೋಟರ್ ಕೂರಿಸಿದರು. ಈ ಮೋಟರ್ ಮುಂದೆ ಇನ್ನೊಂದು ಕಡೆ ಕೆಲಸಕ್ಕೆ ಬರುತ್ತೆ, ನೆನಪಿಟ್ಟುಕೊಳ್ಳಿ. ಅದೇ ಕಂಪನಿಯ ಎಡ್ವರ್ಡ್ ಡೀಡ್ಸ್ ಮನೆಯ ಹಿಂದೆ ಒಂದು ಕೊಟ್ಟಿಗೆ ಇತ್ತು. ಸಂಜೆ ಡ್ಯೂಟಿ ಮುಗಿಸಿ ಕೆಟರಿಂಗ್ ಮತ್ತು ಕೆಲವು ಗೆಳೆಯರು ಅಲ್ಲಿ ಸೇರಿ ಕಾರಿನ ಇಗ್ನಿಷನ್ ಮೇಲೆ ಕೆಲಸ ಶುರು ಮಾಡಿದರು.

ಆಗಿನ ಅನೇಕ ಕಾರುಗಳಲ್ಲಿ ಕಿಡಿ ಕೊಡುತ್ತಿದ್ದದ್ದು ಟ್ರೆಂಬ್ಲರ್ ಕಾಯಿಲ್. ಗಂಟೆಯ ನಾಲಿಗೆಯ ಹಾಗೆ ಗಿರ್ರನೆ ಅದುರುವ ಒಂದು ಪತ್ತಿ, ಪ್ರತಿ ಸಲ ಕಿಡಿಗಳ ಮಳೆ. ಕಾಂಟ್ಯಾಕ್ಟುಗಳು ಬೇಗ ಸುಟ್ಟು ಹೋಗುತ್ತಿದ್ದವು, ಡ್ರೈ ಸೆಲ್‌ಗಳು ಬೇಗ ಬತ್ತುತ್ತಿದ್ದವು. ಒಂದು ಉರಿಗೆ ಒಂದೇ ಕಿಡಿ, ಆದರೆ ದಪ್ಪ ಕಿಡಿ, ಸರಿಯಾದ ಹೊತ್ತಿಗೆ. ಇದು ಕೆಟರಿಂಗ್ ಆಲೋಚನೆ. ಕಾಯಿಲಿನ ಪ್ರೈಮರಿಯಲ್ಲಿ ಕರೆಂಟ್ ತುಂಬಿ ಪಾಯಿಂಟ್ ಥಟ್ಟನೆ ತೆರೆದರೆ ಅಯಸ್ಕಾಂತ ಕ್ಷೇತ್ರ ಕುಸಿಯುತ್ತದೆ. ಸಾವಿರಾರು ಸುತ್ತಿನ ಸೆಕೆಂಡರಿಯಲ್ಲಿ ಸಾವಿರಾರು ವೋಲ್ಟ್ ಹುಟ್ಟಿ ಪ್ಲಗ್ಗಿನ ಸಂದು ದಾಟುತ್ತದೆ. ಕ್ಯಾಡಿಲ್ಯಾಕ್ ಕಂಪನಿಯ ಹೆನ್ರಿ ಲೀಲ್ಯಾಂಡ್ 1909ರಲ್ಲಿ ಎಂಟು ಸಾವಿರ ಸೆಟ್ಟಿಗೆ ಆರ್ಡರ್ ಕೊಟ್ಟರು. ಇವರ ಹತ್ತಿರ ಫ್ಯಾಕ್ಟರಿಯೇ ಇರಲಿಲ್ಲ! ಆಗ ಹುಟ್ಟಿದ್ದು ಡೇಟನ್ ಎಂಜಿನಿಯರಿಂಗ್ ಲ್ಯಾಬೊರೇಟರೀಸ್ ಕಂಪನಿ, ಚಿಕ್ಕದಾಗಿ ಡೆಲ್ಕೊ.

ಇದೇ ಪಾಯಿಂಟ್, ಕಾಯಿಲ್, ಕಂಡೆನ್ಸರ್ ಕುಟುಂಬ ಮುಂದೆ ನಮ್ಮ ಅಂಬಾಸಿಡರ್, ಪದ್ಮಿನಿಗಳಲ್ಲೂ ಮೈಸೂರಿನಲ್ಲಿ ತಯಾರಾದ ಜಾವಾ ಬೈಕುಗಳಲ್ಲೂ ಇತ್ತು. ಉಪ್ಪು ಕಾಗದದಲ್ಲಿ ಪಾಯಿಂಟ್ ಉಜ್ಜಿ, ಫೀಲರ್ ಗೇಜ್ ಇಟ್ಟು ಗ್ಯಾಪ್ ನೋಡಿ ಗಾಡಿ ಎಬ್ಬಿಸುತ್ತಿದ್ದ ಹಿರಿಯ ಮೆಕ್ಯಾನಿಕ್‌ಗಳನ್ನು ಕೇಳಿ ನೋಡಿ, ಕಥೆ ಸಿಗುತ್ತೆ.

ಆಮೇಲೆ ಸೆಲ್ಫ್ ಸ್ಟಾರ್ಟರ್. ಎಂಜಿನ್ ಮುಂದೆ ನಿಂತು ಹ್ಯಾಂಡಲ್ ತಿರುಗಿಸುವಾಗ ಕಿಡಿಯ ಟೈಮಿಂಗ್ ಹಿಂದಕ್ಕೆ ತರಲು ಮರೆತರೆ ಎಂಜಿನ್ ಉಲ್ಟಾ ಒದೆಯುತ್ತಿತ್ತು. ಮಣಿಕಟ್ಟು ಮುರಿದುಕೊಂಡವರು ಬಹಳ ಜನ. ಎಲೆಕ್ಟ್ರಿಕ್ ಮೋಟರಿನಿಂದ ಎಂಜಿನ್ ತಿರುಗಿಸಲು ಎಂಜಿನ್ನಿನಷ್ಟೇ ದೊಡ್ಡ ಮೋಟರ್ ಬೇಕು ಅನ್ನುವುದು ಆಗಿನ ತಿಳಿವಳಿಕೆ. ಕೆಟರಿಂಗ್‌ಗೆ ಗಲ್ಲಾದ ಮೋಟರ್ ನೆನಪಿತ್ತು. ಅದು ದಿನವಿಡೀ ಓಡಬೇಕಿರಲಿಲ್ಲ, ಕೆಲವು ಕ್ಷಣ ಜೋರಾಗಿ ತಿರುಗಿ ನಿಂತರೆ ಸಾಕಿತ್ತು. ಕಾರಿಗೂ ಅಷ್ಟೇ ತಾನೇ ಬೇಕಾಗಿರೋದು? ಸಣ್ಣ ಮೋಟರಿಗೆ ಅದರ ಶಕ್ತಿ ಮೀರಿದ ಕರೆಂಟ್ ಕೊಟ್ಟು, ಅದು ಕಾಯುವ ಮೊದಲೇ ಬಿಟ್ಟುಬಿಡುವುದು. 1912ರ ಕ್ಯಾಡಿಲ್ಯಾಕ್‌ಗಳಲ್ಲಿ ಅದು ಬಂತು. ಎಂಜಿನ್ ಎದ್ದ ಮೇಲೆ ಅದೇ ಯಂತ್ರ ಡೈನಮೋ ಆಗಿ ಬ್ಯಾಟರಿ ಚಾರ್ಜ್ ಮಾಡುತ್ತಿತ್ತು.

ಈಗ ಬಂತು ಆರೋಪ. ಹೊಸ ಎಂಜಿನ್‌ಗಳು ಏರು ಹತ್ತುವಾಗ ಒಳಗೆ ಯಾರೋ ಸುತ್ತಿಗೆಯಲ್ಲಿ ಕುಟ್ಟಿದ ಹಾಗೆ ಕಟಕಟ ಅನ್ನತೊಡಗಿದವು. ನಾಕಿಂಗ್. ಜನ, ಪೈಪೋಟಿಯ ಕಂಪನಿಗಳು, ಎಲ್ಲರೂ ಬೆರಳು ತೋರಿಸಿದ್ದು ಹೊಸದಾಗಿ ಬಂದ ಬ್ಯಾಟರಿ ಇಗ್ನಿಷನ್ ಕಡೆಗೆ. ಇಷ್ಟು ದಿನ ಇಲ್ಲದ್ದು ಈಗ ಬಂದಿದೆ, ಹೊಸದಾಗಿ ಸೇರಿದ್ದೇ ಕಾರಣ ಅನ್ನುವ ವಾದ. ತಳ್ಳಿಹಾಕುವಂಥದ್ದಲ್ಲ. ಸರ್ವಿಸ್ ಆದ ಮಾರನೇ ದಿನ ಗಾಡಿ ಕೈಕೊಟ್ಟರೆ ನಾವೂ ಹಾಗೇ ಯೋಚಿಸ್ತೀವಿ. ಆದರೆ ಹೊಸದಾಗಿ ಬದಲಾಗಿದ್ದು ಇಗ್ನಿಷನ್ ಒಂದೇ ಆಗಿರಲಿಲ್ಲ. ಕಂಪ್ರೆಷನ್ ಏರುತ್ತಿತ್ತು. ಕಾರುಗಳ ಸಂಖ್ಯೆ ಹೆಚ್ಚಿ ಪೆಟ್ರೋಲ್ ಸಾಲದೆ, ಬಂಕಿನ ಪೆಟ್ರೋಲಿಗೆ ಸೀಮೆಎಣ್ಣೆಗೆ ಹತ್ತಿರದ ಭಾರದ ಅಂಶಗಳೂ ಸೇರುತ್ತಿದ್ದವು.

ಕೆಟರಿಂಗ್ ವಾದ ಮಾಡುತ್ತಾ ಕೂರಲಿಲ್ಲ. 1916ರಲ್ಲಿ ಥಾಮಸ್ ಮಿಜ್ಲಿ ಅನ್ನುವ ಮೆಕ್ಯಾನಿಕಲ್ ಎಂಜಿನಿಯರ್ ಹುಡುಗನಿಗೆ ಈ ಕೆಲಸ ವಹಿಸಿದರು. ಅವರು ಸಿಲಿಂಡರಿಗೆ ಸ್ಫಟಿಕದ ಕಿಟಕಿ ಕೂರಿಸಿ, ಒಳಗೆ ಉರಿಯುವ ಬೆಂಕಿಯ ಫೋಟೋ ತೆಗೆದರು. ಒತ್ತಡ ಹೇಗೆ ಏರುತ್ತೆ ಅಂತಲೂ ದಾಖಲಿಸಿದರು. ಕಂಡದ್ದು ಇದು: ಕಿಡಿ ತನ್ನ ಸಮಯಕ್ಕೆ ಬರುತ್ತಿದೆ. ಜ್ವಾಲೆ ಹೊರಟು ಸಿಲಿಂಡರಿನಲ್ಲಿ ಹರಡುತ್ತಿದೆ. ಕೊನೆಯಲ್ಲಿ, ಇನ್ನೂ ಉರಿಯದೆ ಮೂಲೆಯಲ್ಲಿ ಉಳಿದ ಮಿಶ್ರಣ ಒತ್ತಡ ತಡೆಯಲಾರದೆ ಒಂದೇ ಏಟಿಗೆ ಸಿಡಿಯುತ್ತಿದೆ. ಕಟಕಟ ಸದ್ದು ಕಿಡಿ ಮೊದಲೇ ಬಿದ್ದದ್ದರಿಂದ ಅಲ್ಲ, ಇಂಧನದ ಗುಣದಿಂದ. ಇಗ್ನಿಷನ್ ನಿರಪರಾಧಿ.

ಸ್ಕ್ಯಾನರ್ ಇಲ್ಲದ ಕಾಲದಲ್ಲಿ ಇದಕ್ಕಿಂತ ಚೆಂದದ ಡಯಾಗ್ನೋಸಿಸ್ ಇದೆಯಾ ಅಂತ ನಮಗೆ ಅನುಮಾನ. ಮಿಸ್‌ಫೈರ್ ಅಂದರೆ ಉರಿಯದೇ ಇರುವುದು, ನಾಕಿಂಗ್ ಅಂದರೆ ಸಿಡಿದು ಉರಿಯುವುದು. ಎರಡೂ ಬೇರೆ ಕಾಯಿಲೆ. ಹೊರಗಿನವರಿಗೆ ಎರಡೂ ಇಗ್ನಿಷನ್ನಿನ ತಪ್ಪಾಗಿಯೇ ಕಾಣುತ್ತೆ.

ಇಲ್ಲಿಂದ ಕಥೆಗೆ ತಿರುವು ಬರುತ್ತೆ. ಆ ಭಾಗದ ಕಾಡಿನಲ್ಲಿ ಹಿಮ ಕರಗುವ ಮೊದಲೇ ಹೂ ಬಿಡುವ ಟ್ರೇಲಿಂಗ್ ಆರ್ಬ್ಯೂಟಸ್ ಅನ್ನುವ ಗಿಡ ಇದೆ, ಎಲೆಯ ಹಿಂಬದಿ ಕೆಂಪು. ಕೆಂಪು ಬಣ್ಣ ಶಾಖ ಹೀರಿಕೊಳ್ಳುವುದರಿಂದ ಅದು ಬೇಗ ಅರಳುತ್ತಿರಬೇಕು, ಹಾಗಾದರೆ ಇಂಧನಕ್ಕೂ ಕೆಂಪು ಬಣ್ಣ ಹಾಕಿದರೆ ಬೇಗ ಆವಿಯಾಗಿ ನಾಕಿಂಗ್ ನಿಲ್ಲಬಹುದು ಅಂತ ಇವರ ಊಹೆ. ಎಣ್ಣೆಯಲ್ಲಿ ಕರಗುವ ಕೆಂಪು ಬಣ್ಣ ಹತ್ತಿರದಲ್ಲಿ ಸಿಗಲಿಲ್ಲ, ಕೈಗೆ ಸಿಕ್ಕಿದ್ದು ಅಯೋಡಿನ್. ಹಾಕಿದರು. ನಾಕಿಂಗ್ ನಿಂತೇಬಿಟ್ಟಿತು!

ನಮ್ಮಲ್ಲಿ ಅರ್ಧ ಜನ ಇಲ್ಲೇ ರೆಕಾರ್ಡ್ ಬುಕ್ ಮುಚ್ಚಿ ಸಹಿ ಹಾಕಿಸಿಕೊಂಡು ಕ್ಯಾಂಟೀನಿಗೆ ಹೋಗಿರುತ್ತಿದ್ದೆವು. ಇವರು ಹೋಗಲಿಲ್ಲ. ಬೇರೆ ಕೆಂಪು ಬಣ್ಣಗಳನ್ನು ತಂದು ಹಾಕಿ ನೋಡಿದರು, ಒಂದೂ ಕೆಲಸ ಮಾಡಲಿಲ್ಲ. ಆಮೇಲೆ ಬಣ್ಣವಿಲ್ಲದ ಅಯೋಡಿನ್ ಸಂಯುಕ್ತ ಹಾಕಿದರು, ಕೆಲಸ ಮಾಡಿತು. ಊಹೆ ಪೂರ್ತಿ ಸುಳ್ಳು, ಫಲಿತಾಂಶ ನಿಜ. ಕಾರಣ ಬಣ್ಣವಲ್ಲ, ರಸಾಯನ.

ಪಿ0302 ಬಂದಾಗ ಮಾಡಬೇಕಾದದ್ದೂ ಇದೇ ಕೆಲಸ. ಎರಡನೇ ಸಿಲಿಂಡರಿನ ಕಾಯಿಲ್ ಕಿತ್ತು ಮೂರನೆಯದಕ್ಕೆ ಹಾಕಿ, ಮೂರನೆಯದನ್ನು ಇಲ್ಲಿಗೆ ತನ್ನಿ. ಬೇರೇನೂ ಮುಟ್ಟಬೇಡಿ. ಕೋಡ್ ಅಳಿಸಿ ಗಾಡಿ ಓಡಿಸಿ. ಪಿ0303 ಬಂದರೆ ತಪ್ಪು ಕಾಯಿಲ್ಲಿನದೇ, ಅದು ಹೋದಲ್ಲಿಗೆ ಕಾಯಿಲೆಯೂ ಹೋಗಿದೆ. ಪಿ0302 ಅಲ್ಲೇ ಕೂತಿದ್ದರೆ ಕಾಯಿಲ್ ನಿರಪರಾಧಿ. ಮುಂದೆ ಪ್ಲಗ್, ಆಮೇಲೆ ಇಂಜೆಕ್ಟರ್, ಕೊನೆಗೆ ಕಂಪ್ರೆಷನ್ ಗೇಜ್. ಪಿ0300ರ ಜೊತೆ ಪಿ0171 ಕೂಡ ಇದ್ದರೆ ಮಿಶ್ರಣದಲ್ಲಿ ಗಾಳಿ ಜಾಸ್ತಿ, ಪೆಟ್ರೋಲ್ ಕಡಿಮೆ. ಇನ್‌ಟೇಕ್ ಕಡೆ ಎಲ್ಲೋ ಹೋಸ್ ಬಿರುಕು ಬಿಟ್ಟಿರಬಹುದು, ಪೆಟ್ರೋಲ್ ಒತ್ತಡ ಕಡಿಮೆ ಇರಬಹುದು. ಕಾಯಿಲ್, ಪ್ಲಗ್ ಎರಡನ್ನೂ ಒಟ್ಟಿಗೆ ಬದಲಿಸಿದರೆ ಗಾಡಿ ಸರಿಹೋಗಬಹುದು, ಯಾವುದು ಕೆಟ್ಟಿತ್ತು ಅಂತ ಮಾತ್ರ ಗೊತ್ತಾಗೋದಿಲ್ಲ.

ಮತ್ತೆ ಡೇಟನ್‌ಗೆ. ಅಯೋಡಿನ್ ದುಬಾರಿ, ಲೋಹವನ್ನೂ ತಿನ್ನುತ್ತಿತ್ತು. ಡೆಲ್ಕೊ ಅಷ್ಟರಲ್ಲಿ ಕೈ ಬದಲಾಗಿ ಜನರಲ್ ಮೋಟರ್ಸ್ ಸೇರಿತ್ತು. 1920ರಿಂದ ಕೆಟರಿಂಗ್ ಆ ಕಂಪನಿಯ ಸಂಶೋಧನೆಗೇ ಮುಖ್ಯಸ್ಥರು. ಹುಡುಕಾಟ ಮುಂದುವರಿಯಿತು. ಅನಿಲಿನ್ ನೋಡಿದರು. ಟೆಲ್ಯೂರಿಯಂ ನೋಡಿದರು, ಮೈಗೆ ಅಂಟಿದರೆ ಬಿಡದ ಬೆಳ್ಳುಳ್ಳಿ ನಾತ. 1921ರ ಡಿಸೆಂಬರ್ 9ರಂದು ಟೆಟ್ರಾ ಈಥೈಲ್ ಲೆಡ್ ಹಾಕಿ ನೋಡಿದರು. ಎಂಜಿನ್ ತಣ್ಣಗಾಯಿತು. ಗ್ಯಾಲನ್ನಿಗೆ ಒಂದು ಟೀ ಚಮಚಕ್ಕಿಂತ ಕಡಿಮೆ ಸಾಕು, ಖರ್ಚೂ ಅಗ್ಗ. 1923ರ ಫೆಬ್ರವರಿಯಲ್ಲಿ ಡೇಟನ್ನಿನ ಬಂಕಿನಲ್ಲಿ ಮಾರಾಟ ಶುರು. ಹೆಸರು ಈಥೈಲ್. ಸೀಸ ಅನ್ನುವ ಪದ ಹೆಸರಿನಲ್ಲಿ ಎಲ್ಲೂ ಇಲ್ಲ.

ಸೀಸ ವಿಷ ಅನ್ನುವುದು ಆಗ ಹೊಸ ಸುದ್ದಿಯೇನಲ್ಲ. ಮಿಜ್ಲಿಯವರೇ ಅದರಿಂದ ಕಾಯಿಲೆ ಬಿದ್ದು ರಜೆ ಹಾಕಿದ್ದರು. 1924ರ ಅಕ್ಟೋಬರಿನಲ್ಲಿ ನ್ಯೂಜೆರ್ಸಿಯ ಬೇವೇ ಎಂಬಲ್ಲಿ ಇದನ್ನು ತಯಾರಿಸುತ್ತಿದ್ದ ಸ್ಟ್ಯಾಂಡರ್ಡ್ ಆಯಿಲ್ ಘಟಕದ ಕಾರ್ಮಿಕರು ಮತಿಭ್ರಮಣೆಯಾಗಿ ಆಸ್ಪತ್ರೆ ಸೇರಿದರು. ಐವರು ಸತ್ತರು. 1925ರ ಮೇನಲ್ಲಿ ಸರ್ಕಾರ ಸಭೆ ಕರೆಯಿತು. ಕಾರ್ಮಿಕರ ಆರೋಗ್ಯದ ಮೇಲೆ ಜೀವನವಿಡೀ ಕೆಲಸ ಮಾಡಿದ್ದ ಡಾಕ್ಟರ್ ಆಲಿಸ್ ಹ್ಯಾಮಿಲ್ಟನ್ ವಿರೋಧಿಸಿದರು. ಈಥೈಲ್ ಕಂಪನಿಯ ಮೊದಲ ಅಧ್ಯಕ್ಷರಾಗಿದ್ದ ಕೆಟರಿಂಗ್ ಸೀಸದ ಪರವಾಗಿ ಮಾತಾಡಿದರು. ನಿಂತಿದ್ದ ಮಾರಾಟ 1926ರಲ್ಲಿ ಮತ್ತೆ ಶುರುವಾಯಿತು.

ನಮಗೆ ಜೀರ್ಣವಾಗದ ವಿಷಯ ಒಂದಿದೆ. ಆಲ್ಕೋಹಾಲ್ ಬೆರೆಸಿದರೂ ನಾಕಿಂಗ್ ನಿಲ್ಲುತ್ತೆ ಅಂತ ಕೆಟರಿಂಗ್ ತಂಡಕ್ಕೆ ಚೆನ್ನಾಗಿ ಗೊತ್ತಿತ್ತು. ಇವತ್ತು ನಮ್ಮ ಬಂಕುಗಳಲ್ಲಿ ಸಿಗುವ ಇ20 ಪೆಟ್ರೋಲಿನಲ್ಲಿ ಇರುವುದು ಅದೇ ಎಥನಾಲ್, ನಮ್ಮ ಕಬ್ಬಿನ ಕಾರ್ಖಾನೆಗಳಿಂದಲೂ ಬರುತ್ತೆ. ಆದರೆ ಅದು ಚಮಚದಲ್ಲಿ ಸಾಲದು, ಕೊಡಗಟ್ಟಲೆ ಬೇಕು. ಯಾರು ಬೇಕಾದರೂ ಭಟ್ಟಿ ಇಳಿಸಬಹುದಾದ ಸರಕು ಬೇರೆ, ಸೀಸದ ಹಾಗೆ ಅದರ ಮೇಲೆ ಒಬ್ಬರೇ ಹಿಡಿತ ಸಾಧಿಸಲು ಆಗದು. ರೋಗ ಕಂಡುಹಿಡಿಯುವಾಗ ಸಿಲಿಂಡರಿಗೇ ಕಿಟಕಿ ಕೊರೆದ ಮನುಷ್ಯ, ಮದ್ದು ಕೊಡುವಾಗ ಸೈಲೆನ್ಸರ್ ಆಚೆಗೆ ಕಣ್ಣು ಹಾಯಿಸಲಿಲ್ಲ. ಅದು ಆ ಕಾಲದ ತಪ್ಪು ಅಂತ ಬಿಟ್ಟುಬಿಡೋಣ ಅಂದರೆ, ಅದೇ ಕಾಲದಲ್ಲೇ ಬೇಡ ಅಂದವರು ಇದ್ದರು.

ಉಳಿದ ಬದುಕು ಬೇಗ ಹೇಳಿಬಿಡುತ್ತೇವೆ. 1923ರಲ್ಲಿ ಅವರ ತಾಮ್ರದ ರೆಕ್ಕೆಗಳ ಏರ್‌ಕೂಲ್ಡ್ ಷೆವರ್ಲೆ ಬಿಸಿಯಾಗಿ ಸೋತು, ಮಾರಿದ ಕಾರುಗಳನ್ನು ಕಂಪನಿ ವಾಪಸ್ ಕರೆಸಿತು. 1930ರ ದಶಕದಲ್ಲಿ ಟೂ ಸ್ಟ್ರೋಕ್ ಡೀಸೆಲ್ ಎಂಜಿನ್ ಬೆಳೆಸಿ, ಅಮೆರಿಕದ ರೈಲುಗಳಿಂದ ಉಗಿಬಂಡಿಯನ್ನು ಓಡಿಸುವ ಕೆಲಸಕ್ಕೆ ಬುನಾದಿ ಹಾಕಿದರು. 1945ರಲ್ಲಿ ಆಲ್ಫ್ರೆಡ್ ಸ್ಲೋನ್ ಜೊತೆ ಸೇರಿ ನ್ಯೂಯಾರ್ಕಿನಲ್ಲಿ ಕ್ಯಾನ್ಸರ್ ಸಂಶೋಧನಾ ಸಂಸ್ಥೆ ಕಟ್ಟಿದರು. 1947ರಲ್ಲಿ ನಿವೃತ್ತಿ. 180ಕ್ಕೂ ಹೆಚ್ಚು ಪೇಟೆಂಟ್‌ಗಳು. 1958ರ ನವೆಂಬರ್ 25ರಂದು ತೀರಿಕೊಂಡಾಗ ಅಮೆರಿಕದ ಬಹುಪಾಲು ಪೆಟ್ರೋಲಿನಲ್ಲಿ ಸೀಸ ಇತ್ತು.

ಅದನ್ನು ಹೊರಗೆ ತಳ್ಳಿದ್ದರಲ್ಲಿ ಅವರದೇ ಕಂಪನಿಯ ಪಾತ್ರವೂ ಇದೆ. ಹೊಗೆಯ ಕಾನೂನು ಬಿಗಿಯಾದಾಗ ಜನರಲ್ ಮೋಟರ್ಸ್ 1975ರ ಕಾರುಗಳಿಗೆ ಕೆಟಲಿಟಿಕ್ ಕನ್ವರ್ಟರ್ ಹಾಕಿತು. ಅದರೊಳಗಿನ ಪ್ಲಾಟಿನಂ ಮೇಲೆ ಸೀಸ ಕೂತರೆ ಕನ್ವರ್ಟರ್ ಸತ್ತ ಹಾಗೆ. ಹಾಗಾಗಿ ಸೀಸವಿಲ್ಲದ ಪೆಟ್ರೋಲ್ ಬೇಕೇ ಬೇಕಾಯಿತು. ಕನ್ವರ್ಟರಿಗೆ ಇನ್ನೊಂದು ಶತ್ರು ಮಿಸ್‌ಫೈರ್. ಉರಿಯದ ಪೆಟ್ರೋಲ್ ಅದರೊಳಗೆ ಹೋಗಿ ಅಲ್ಲಿ ಉರಿದು, ಒಳಗಿನ ಜೇನುಗೂಡನ್ನೇ ಕರಗಿಸಬಲ್ಲದು. ಅಮೆರಿಕದಲ್ಲಿ 1996ರ ಕಾರುಗಳಿಂದ ಒಬಿಡಿ-2 ಕಡ್ಡಾಯವಾದಾಗ ಮಿಸ್‌ಫೈರ್ ಎಣಿಸುವ ಕೆಲಸ ಇಸಿಯುಗೆ ಬಿದ್ದದ್ದು ಮುಖ್ಯವಾಗಿ ಇದಕ್ಕೇ. ಚೆಕ್ ಎಂಜಿನ್ ಲೈಟ್ ಸುಮ್ಮನೆ ಹತ್ತಿದ್ದರೆ ನಿಧಾನವಾಗಿ ಗ್ಯಾರೇಜಿಗೆ ಹೋಗಬಹುದು. ಅದು ಮಿನುಗುತ್ತಿದ್ದರೆ ಈ ಕ್ಷಣ ಕನ್ವರ್ಟರ್ ಬೇಯುತ್ತಿದೆ ಅಂತ ಅರ್ಥ, ಗಾಡಿ ಪಕ್ಕಕ್ಕೆ ಹಾಕಿ ಆಫ್ ಮಾಡಬೇಕು.

ಭಾರತದ ಬಂಕುಗಳಿಂದ ಸೀಸದ ಪೆಟ್ರೋಲ್ ಹೋದದ್ದು 2000ದಲ್ಲಿ. ಕಾರಿಗೆ ಅದನ್ನು ಮಾರುತ್ತಿದ್ದ ಕೊನೆಯ ದೇಶ ಅಲ್ಜೀರಿಯಾ, ಅಲ್ಲಿ ನಿಂತದ್ದು 2021ರಲ್ಲಿ.